ಕುಡಗೋಲು ಹಿಡಿದು ಬಂದ ಬೀಗರು

ನಮ್ಮ ಕಡೆ ಕರೆಯುವುದೆಂದರೆ ಹುಡುಗಾಟವಲ್ಲ. ಲಗ್ನಪತ್ರಿಕೆಯನ್ನು ಅಂಚೆಯಲ್ಲಿ ಕಳಿಸಿದರೆ ಅದು ತಿಳಿಸಿದಂತಾಯಿತೇ ಹೊರತು ಕರೆದಂತಾಗಲಿಲ್ಲ. ಮನೆಗೆ ಬಂದು, ಕಟ್ಟೆಯ ಮೇಲೆ ಕುಂತು, ಚಾ ಕುಡಿದು, ಏಳುವಾಗ ಪತ್ರಿಕೆ ಕೈಗಿಟ್ಟು, 'ಅವತ್ತ ಮನ್ಯಾಗ ಒಲಿ ಹಚ್ಚಬ್ಯಾಡ್ರಿ' ಎಂದರೆ ಕರೆದಂತೆ. ಹಾಗೆ ಕರೆಸಿಕೊಂಡೂ ಹೋಗದವನ ಮನೆಯ ಕಾರ್ಯಕ್ಕೆ ಮುಂದೆ ನಾಯಿಯೂ ಹಾಯುವುದಿಲ್ಲ. ನನ್ನ ಅಜ್ಜ ಜೀವಮಾನದಲ್ಲಿ ಎರಡೇ ಊಟ ತಪ್ಪಿಸಿದ್ದ. ಎರಡನ್ನೂ ಸಾಯುವತನಕ ನೆನೆಸಿ ಹಳಹಳಿಸುತ್ತಿದ್ದ.

ಇಂಥ ಆಲಮೇಲದಲ್ಲಿ ಹುಟ್ಟಿ, ಮೂವತ್ತಮೂರು ವರ್ಷ ಮಕ್ಕಳಿಗೆ ಗಣಿತ ಕಲಿಸಿ ನಿವೃತ್ತನಾದ ನನಗೆ ಮಗ ಒಂದು ಮೊಬೈಲು ತಂದುಕೊಟ್ಟ. ಒಂದೇ ವಾರದಲ್ಲಿ ಹನ್ನೊಂದು ಮಂದಿ ನನ್ನನ್ನು ಕರೆದುಬಿಟ್ಟರು. ಒಬ್ಬರು ಮಿಠಾಯಿ ಒಡೆಯಲು, ಇನ್ನೊಬ್ಬರು ಲೂಡೊಕ್ಕೆ, ಸಿಂದಗಿಯ ನನ್ನ ಹಳೆಯ ಹೆಡ್‌ಮಾಸ್ತರರು ಬಣ್ಣದ ಗುಳ್ಳೆ ಒಡೆಯಲು. ಹೆಡ್‌ಮಾಸ್ತರರೇ ಕರೆದ ಮೇಲೆ ಸುಮ್ಮನಿರುವುದು ಹ್ಯಾಗೆ? ಫೋನು ಹಚ್ಚಿ, 'ಸರ, ಮೊಣಕಾಲ ನೋವ್ರಿ, ಬರಾಕ ಆಗೂದಿಲ್ಲ, ತಪ್ಪು ತಿಳೀಬ್ಯಾಡ್ರಿ' ಅಂದೆ. ಅತ್ತ ಬಹಳ ಹೊತ್ತು ಮೌನ. ಆಮೇಲೆ, 'ಎಲ್ಲಿಗಿ?' ಅಂತ ಕೇಳಿದರು. ಕರೆದ ಸುದ್ದಿ ಕರೆದವರಿಗೇ ಗೊತ್ತಿರಲಿಲ್ಲ.

ಇದು ನನ್ನೊಬ್ಬನ ಗೋಳೂ ಅಲ್ಲ. 2015ರ ಅಕ್ಟೋಬರ್ 28ರಂದು ಫೇಸ್‌ಬುಕ್ಕಿನ ಒಡೆಯ ಮಾರ್ಕ್ ಝುಕರ್‌ಬರ್ಗ್ ದಿಲ್ಲಿಯ ಐಐಟಿಗೆ ಬಂದು ಪ್ರಶ್ನೋತ್ತರಕ್ಕೆ ಕುಂತಿದ್ದ. ಮೊದಲೇ ಪ್ರಶ್ನೆ ಕಳಿಸಲು ಹೇಳಿದಾಗ ಎಲ್ಲಕ್ಕಿಂತ ಹೆಚ್ಚು ಮತ ಬಿದ್ದದ್ದು ಬಡತನಕ್ಕಲ್ಲ, ಶಿಕ್ಷಣಕ್ಕಲ್ಲ: ಕ್ಯಾಂಡಿ ಕ್ರಷ್ ಆಡಲು ಬಾ ಎನ್ನುವ ಈ ಕರೆಗಳನ್ನು ನಿಲ್ಲಿಸುವುದು ಹ್ಯಾಗಪ್ಪ ಎಂಬುದಕ್ಕೆ. ಆ ಮನುಷ್ಯನೂ, ಸಭೆಗೆ ಬರುವುದರೊಳಗೆ ಇದಕ್ಕೊಂದು ಪರಿಹಾರ ಹುಡುಕಿಡಿ ಎಂದು ತನ್ನವರಿಗೆ ಹೇಳಿ ಬಂದಿದ್ದೇನೆ ಅಂದ. ನಮ್ಮ ಚಾದಂಗಡಿಯಲ್ಲಿ ಈ ಕತೆಯನ್ನು ನಾನು ಎಷ್ಟು ಸಲ ಹೇಳಿದ್ದೇನೆಂದರೆ, ಅಂಗಡಿಯವನು 'ಮಾಸ್ತರ, ದಿಲ್ಲಿಗೆ ಹೋಗಿ ಬಂದ್ರೇನು?' ಅಂತ ಕೇಳಿ ಅರ್ಧ ಕಪ್ಪು ಕೊಡುತ್ತಾನೆ. ಕೆಲಸವಿಲ್ಲದ ಮಂದಿ, ಮೊಬೈಲಿನಲ್ಲಿ ಮುಳುಗಿದ ಪೀಳಿಗೆ, ದೇಶದ ಭವಿಷ್ಯ... ನಾನು ಏನೇನೆಲ್ಲ ಭಾಷಣ ಮಾಡಿದ್ದೇನೆ ಅಲ್ಲಿ!

ಭಾಷಣ ಮುಗಿಸಿ ಮನೆಗೆ ಬಂದು ಬಾಗಿಲು ಮುಂದೆ ಮಾಡಿಕೊಂಡು ನಾನು ಮಾಡುತ್ತಿದ್ದುದು ಒಕ್ಕಲುತನ. ಮೊಬೈಲಿನಲ್ಲಿ.

ಹೇಳಲು ನಾಚಿಕೆಯಾಗುತ್ತದೆ, ಆದರೂ ಹೇಳುತ್ತೇನೆ. 2009ರಲ್ಲಿ ಬಂದ ಫಾರ್ಮ್‌ವಿಲ್ ಎಂಬ ಆಟ ನಿಮಗೆ ನೆನಪಿರಬಹುದು. 2020ರ ಡಿಸೆಂಬರ್ 31ಕ್ಕೆ ಅದು ಫೇಸ್‌ಬುಕ್ಕಿನಿಂದ ಎದ್ದುಹೋಯಿತು. ಆದರೆ ಅದರ ಮಕ್ಕಳು ಮರಿಮಕ್ಕಳು ಬೇಕಾದಷ್ಟಿವೆ. ಅಂಥ ಒಂದು ಮರಿಮಗ ನನಗೆ ಗಂಟುಬಿದ್ದ. ಬಿತ್ತಬೇಕು, ನೀರು ಹಾಯಿಸಬೇಕು, ಇಷ್ಟು ತಾಸಿಗೆ ಕೊಯ್ಯಬೇಕು, ತಡವಾದರೆ ಬೆಳೆ ಒಣಗುತ್ತದೆ. ನಾನು ನಸುಕಿನ ನಾಲ್ಕಕ್ಕೆ ಎದ್ದು ಗೋಧಿ ಕೊಯ್ಯುತ್ತಿದ್ದೆ. ಹೆಂಡತಿ ನಾನು ಜಪ ಮಾಡುತ್ತೇನೆಂದು ತಿಳಿದಿದ್ದಳು. ನನ್ನ ನಿಜವಾದ ನಾಲ್ಕೆಕರೆ ಭೀಮಾನದಿಯ ದಿಕ್ಕಿಗೆ ಇದೆ. ಅದನ್ನು ಪಾಲಿಗೆ ಹಾಕಿ ಎರಡು ವರ್ಷದಿಂದ ಅದರ ಬದು ತುಳಿದಿರಲಿಲ್ಲ. ಎಳ್ಳಮಾಸಿಗೆ ಚರಗ ಚೆಲ್ಲಲೂ ಹೋಗದೆ ಹಿಂದಿನ ಯಾವುದೋ ವರ್ಷದ ಫೋಟೊ ಹಾಕಿ, 'ಭೂತಾಯಿಗೆ ನಮನ' ಅಂತ ಬರೆದು ನೂರಾಎಂಟು ಲೈಕು ಪಡೆದವನು ನಾನು.

ಈ ಆಟ ಕಟ್ಟಿದ ಪುಣ್ಯಾತ್ಮ ನಮ್ಮ ಕಡೆಯವನೇ ಇರಬೇಕೆಂದು ನನಗೆ ಬಹಳ ಸಲ ಅನಿಸಿದೆ. ಯಾಕೆಂದರೆ ಇಡೀ ಆಟ ನಿಂತಿರುವುದು ಮುಯ್ಯಾಳಿನ ಮೇಲೆ. ನೀನು ನನ್ನ ಹೊಲಕ್ಕೆ ಬಾ, ನಾನು ನಿನ್ನ ಹೊಲಕ್ಕೆ ಬರುತ್ತೇನೆ; ಕೂಲಿಯ ಮಾತಿಲ್ಲ. ನಮ್ಮಪ್ಪನ ಕಾಲಕ್ಕೆ ಇಪ್ಪತ್ತು ಮಂದಿ ಹೀಗೆ ಬಂದು ಒಂದೇ ದಿನ ಜೋಳ ಕಿತ್ತು ಹೋಗುತ್ತಿದ್ದರು. ಈಗ ಊರಲ್ಲಿ ಕರೆದರೆ ಯಾರೂ ಬರುವುದಿಲ್ಲ, ಮೊಬೈಲಿನಲ್ಲಿ ಕರೆಯದಿದ್ದರೂ ಬರುತ್ತಾರೆ. ನೆರೆಹೊರೆಯವರನ್ನು ಸೇರಿಸಿಕೊಳ್ಳದಿದ್ದರೆ ಆಟ ಮುಂದೆ ಸಾಗುವುದೇ ಇಲ್ಲ. ನನಗೆ ಕದ್ದು ಆಡುವ ಚಟ. ನೆರೆಹೊರೆ ನನಗೆ ಬೇಡ. ಅದಕ್ಕೆ ಆ ಆಟ ಹಗಲು ರಾತ್ರಿ ಟಿಣ್ ಟಿಣ್ ಎನ್ನತೊಡಗಿತು. ಕೋಳಿ ತತ್ತಿ ಇಟ್ಟಿದೆ, ಟಿಣ್. ಆಕಳು ಕಾಯುತ್ತಿದೆ, ಟಿಣ್. ಮಠದಲ್ಲಿ ಪ್ರವಚನ ನಡೆದಾಗ, ಟಿಣ್.

ನಿಲ್ಲಿಸಲು ಹೊರಟೆ. ಯಾರೋ ಹೇಳಿದರೆಂದು 1909ಕ್ಕೆ 'ಸ್ಟಾರ್ಟ್ 0' ಅಂತ ಮೆಸೇಜು ಕಳಿಸಿದೆ. ನಿಲ್ಲಿಸಬೇಕಾದವನು 'ಸ್ಟಾರ್ಟ್' ಎಂದೇಕೆ ಬರೆಯಬೇಕೆಂದು ಕೇಳಬೇಡಿ, ಸರಕಾರದ ತರ್ಕ ಗಣಿತಕ್ಕೆ ಸಿಗುವುದಲ್ಲ. ಮಾರಾಟದವರ ಕರೆ, ಮೆಸೇಜು ಕಡಿಮೆಯಾದವು. ಕೋಳಿ ಮಾತ್ರ ತತ್ತಿ ಇಡುತ್ತಲೇ ಇತ್ತು. ಆ ನಂಬರಿಗೂ ಮೊಬೈಲಿನೊಳಗೆ ಕುಂತು ಕೂಗುವ ಕೋಳಿಗೂ ಸಂಬಂಧವಿಲ್ಲವಂತೆ.

ಎಳ್ಳಮಾಸಿಯ ರಾತ್ರಿ, ಚರಗದ ಫೋಟೊದ ಲೈಕು ಎಣಿಸಿ ಮುಗಿಸಿ, ಆಟವನ್ನೇ ತೆಗೆದು ಬಿಸಾಡಬೇಕೆಂದು ಕುಂತೆ. ಅದಕ್ಕೂ ಮೊದಲು ಕಡೆಯದೊಂದು ಗೋಧಿ ಕೊಯ್ದುಬಿಡೋಣ ಅನಿಸಿತು. ಒಳಗೆ ಹೋದದ್ದೇ ತಡ, ಪರದೆ ತುಂಬ ಒಂದು ಹಲಗೆ ಬಂದು ನಿಂತಿತು. 'ಬೆಳೆ ಒಣಗುತ್ತಿದೆ, ನಿಮ್ಮವರನ್ನು ಕರೆಯಿರಿ.' ಇಂಥ ಹಲಗೆಯ ಮೂಲೆಯಲ್ಲಿ ಅದನ್ನು ಮುಚ್ಚಲು ಸಾಸಿವೆಯಷ್ಟು ಗುಣಾಕಾರದ ಚಿಹ್ನೆ ಇರುತ್ತದೆ. ಮೂವತ್ತಮೂರು ವರ್ಷ ಕರಿಹಲಗೆಯ ಮೇಲೆ ಗುಣಾಕಾರ ಬರೆದ ಈ ಕೈಗೆ ಅದು ಸಿಗಲಿಲ್ಲ. ಎಡಕ್ಕೆ ಒತ್ತಿದೆ, ಬಲಕ್ಕೆ ಒತ್ತಿದೆ. ಕನ್ನಡಕ ಹುಡುಕಿ ಹಾಕಿಕೊಂಡು ಮತ್ತೆ ಒತ್ತಿದೆ. 'ಎಲ್ಲರಿಗೂ ಕಳಿಸಲಾಗಿದೆ' ಅಂತ ಬಂತು. ನಾನೂರಾ ಹನ್ನೆರಡು ಮಂದಿಗೆ. ಗುಣಾಕಾರ ಅಂದರೆ ಇದು.

ಉತ್ತರಗಳು ಬರತೊಡಗಿದವು. ಹೆಡ್‌ಮಾಸ್ತರರು, 'ಮೊಣಕಾಲ ನೋವು, ಬರಾಕ ಆಗೂದಿಲ್ಲ' ಅಂತ ಬರೆದು ಸೇಡು ತೀರಿಸಿಕೊಂಡರು. ಉಳಿದವರೆಲ್ಲ ನಕ್ಕರು. ಒಂದು ಉತ್ತರ ಮಾತ್ರ ನನ್ನ ನಗು ನಿಲ್ಲಿಸಿತು. ನನ್ನ ಹಳೆಯ ವಿದ್ಯಾರ್ಥಿ, ಲೆಕ್ಕದಲ್ಲಿ ಚುರುಕಿದ್ದ ಹುಡುಗ. ಅಪ್ಪನ ಕಬ್ಬಿನ ಬಿಲ್ಲನ್ನು ಮೊಬೈಲಿನ ರಮ್ಮಿಗೆ ಸುರಿದವನು. ಅವನ ಮನೆಯ ಜೋಡೆತ್ತು ಹೋದದ್ದು ಹೇಗೆಂದು ಊರಿಗೆಲ್ಲ ಗೊತ್ತು. ಅವನಿಗೂ ಮೊದಲು ಬಂದದ್ದು ಇಂಥದೇ ಒಂದು ಕರೆ. 2021ರಲ್ಲಿ ನಮ್ಮ ರಾಜ್ಯ ಇಂಥ ಹಣದ ಆಟಗಳಿಗೆ ಕಾನೂನು ತಂದಿತ್ತು, 2022ರ ಫೆಬ್ರುವರಿಯಲ್ಲಿ ಹೈಕೋರ್ಟಿನಲ್ಲಿ ಅದು ಬಿದ್ದುಹೋಯಿತು. 2025ರ ಆಗಸ್ಟ್‌ನಲ್ಲಿ ಸಂಸತ್ತು ದೇಶಕ್ಕೆಲ್ಲ ನಿಷೇಧ ತರುವ ಹೊತ್ತಿಗೆ ಆ ಎತ್ತುಗಳು ಯಾರ ಕೊಟ್ಟಿಗೆಯಲ್ಲಿದ್ದವೋ. ಅವನು ಬರೆದದ್ದು ಒಂದೇ ಸಾಲು: 'ಸರ, ಇದ್ರಾಗ ರೊಕ್ಕ ಹಾಕಬೇಕೇನ್ರಿ?'

'ಬ್ಯಾಡಪಾ. ಒಳಗ ಬರಬ್ಯಾಡ. ನಾನು ತಪ್ಪಿ ಒತ್ತೇನಿ' ಅಂತ ಬರೆದೆ. ಮತ್ತೆ ಅಳಿಸಿ ಅದನ್ನೇ ಬರೆದೆ. ಆ ರಾತ್ರಿ ನಿದ್ದೆ ಬರಲಿಲ್ಲ.

ಮರುದಿನ ಕಳೆದು ಅದರ ಮರುದಿನ. ಬೆಳಗಿನ ಆರೂವರೆ. ಹೆಂಡತಿ ಅಂಗಳದಿಂದ ಓಡಿಬಂದಳು.

'ಏನ್ರೀ, ಬೀಗರು ಬಂದಾರ.'

'ಬರಲಿ, ಒಳಗ ಕರಿ.'

'ಕುಡಗೋಲ ಹಿಡಕೊಂಡ ಬಂದಾರ್ರೀ!'

ನೋಡಿ, ಈ ಘಳಿಗೆಯನ್ನು ನಾನು ಸ್ವಲ್ಪ ನಿಧಾನವಾಗಿ ಹೇಳಬೇಕು, ನಾನು ಅನುಭವಿಸಿದ್ದೂ ನಿಧಾನವಾಗಿಯೇ. ನಮ್ಮ ಬೀಗರು ಇಂಡಿ ಕಡೆಯ ಹಳ್ಳಿಯ ಲಿಂಬಿ ತೋಟದವರು. ಹಣೆ ತುಂಬ ವಿಭೂತಿ, ಮಾತು ಕಡಿಮೆ. ಮೊಬೈಲಿನಲ್ಲಿ ಅವರು ನೋಡುವುದು ಜ್ಞಾನಯೋಗಾಶ್ರಮದ ಸಿದ್ಧೇಶ್ವರ ಶ್ರೀಗಳ ಪ್ರವಚನ ಮಾತ್ರ, ಹಾಗಂತ ನಾನು ತಿಳಿದಿದ್ದೆ. ಮಗಳನ್ನು ಕೊಟ್ಟ ಮನೆಯವರು ಹೊತ್ತು ಏರುವ ಮೊದಲೇ ಹೇಳದೆ ಕೇಳದೆ ಬಂದರೆ ಹೆಣ್ಣು ಹೆತ್ತವನ ಎದೆ ಹ್ಯಾಗೂ ಒಮ್ಮೆ ಜಿಗಿಯುತ್ತದೆ. ಈಗ ಕುಡಗೋಲು ಬೇರೆ. ಕಿಟಕಿಯಿಂದ ಇಣುಕಿದೆ. ಒಂದಲ್ಲ, ಗೋಣಿಚೀಲದಲ್ಲಿ ಸುತ್ತಿದ್ದ ಐದು. ಅವರ ಹಿಂದೆ ಇಬ್ಬರು ಗಟ್ಟಿ ಆಳುಗಳು. ಒಬ್ಬನು ನಮ್ಮ ಕಟ್ಟೆಯ ಕಲ್ಲಿಗೇ ಕುಡಗೋಲು ಮಸೆಯುತ್ತಿದ್ದ, ಚರ್, ಚರ್. ಎದುರು ಮನೆಯವರು ಕಸಬರಿಗೆ ಹಿಡಿದು ಅದೇ ಒಂದು ಚೌಕವನ್ನು ಏಳು ಸಲ ಗುಡಿಸಿದರು. ಹೆಂಡತಿ ನನ್ನ ಕಿವಿಯಲ್ಲಿ, 'ಮಗಳು ಏನರ ಎದುರುಮಾತಾಡಿರಬೇಕು. ನೀವ ಮೊದಲ ಹೋಗ್ರಿ' ಅಂದಳು. ನಾನು ಧೋತರ ಸರಿಮಾಡಿಕೊಂಡೆ. ಬಿಚ್ಚಿ ಮತ್ತೆ ಉಟ್ಟುಕೊಂಡೆ. ಆಕೆ ಹಿಂದಿನಿಂದ ನೂಕಿದಳು.

ಅಷ್ಟರಲ್ಲಿ ಟಂಟಂನಿಂದ ಬೀಗತಿ ಬುತ್ತಿಗಂಟು ಹೊತ್ತು ಇಳಿದರು. ಬಡಿದಾಡಲು ಬರುವವರು ಶೇಂಗಾ ಹೋಳಿಗೆ ಕಟ್ಟಿಕೊಂಡು ಬರುವುದಿಲ್ಲ. ನನ್ನ ಜೀವ ಜಾಗಕ್ಕೆ ಬಂತು.

'ಇಷ್ಟ ತಡಾ ಮಾಡಿ ಯಾಕ ಹೇಳಿದ್ರಿ ಬೀಗರ?' ಅಂದರು ಅವರು, ಕೂಡ್ರದೆಯೇ. 'ಬೆಳಿ ಒಣಗಾಕತ್ತೇತಿ ಅಂತ ಬರದಿದ್ರಿ. ನಿನ್ನೇನ ಬರಾಂವಿದ್ದೆ, ಆಳು ಸಿಗಲಿಲ್ಲ.'

ಮೊಬೈಲನ್ನು ನನ್ನ ಮೂಗಿನ ಹತ್ತಿರ ಹಿಡಿದರು. ಅಚ್ಚಕನ್ನಡದಲ್ಲಿತ್ತು: ನಿಮ್ಮ ಸ್ನೇಹಿತರು ನಿಮ್ಮನ್ನು ತಮ್ಮ ಹೊಲಕ್ಕೆ ಕರೆದಿದ್ದಾರೆ, ಬೆಳೆ ಒಣಗುತ್ತಿದೆ, ಈಗಲೇ ಸಹಾಯ ಮಾಡಿ.

'ಸ್ನೇಹಿತರು ಅಂತ ಬರದೀರಿ,' ಅಂದರು. 'ಬೀಗರು ಅಂತ ಬರೀಬೇಕಾಗಿತ್ತು. ಇರಲಿ, ಇದೂ ಛಲೋನ ಆತು.'

ಇಷ್ಟಾದ ಮೇಲೆ, ಅದು ಆಟ ಎಂದು ಯಾವ ಬಾಯಿಂದ ಹೇಳಲಿ? 'ಹೌದ್ರಿ, ಭಾಳ ಒಣಗೇತಿ' ಅಂದೆ. ಹಿತ್ತಲಿಗೆ ಹೋಗಿ ಪಾಲಿನವನಿಗೆ ಫೋನು ಹಚ್ಚಿದೆ. ಹೊಲದಾಗ ಕೊಯ್ಯೂ ಹಂತಾದ್ದು ಏನರ ಐತೇನೋ? 'ತೊಗರಿ ಐತ್ರಿ ಸರ. ಆಳು ಎಲ್ಲಾ ಕಬ್ಬು ಕಡಿಯಾಕ ಹೋಗ್ಯಾವ, ಕಾಯಿ ಸಿಡಿಯಾಕತ್ತಾವ, ನಾ ಒಬ್ಬನ ಅದೇನಿ.' ಬಳಿಕ ಸ್ವಲ್ಪ ತಡೆದು, ಬಹಳ ಮರ್ಯಾದೆಯಿಂದ, 'ನೀವ ಬರ್ತೀರೇನ್ರಿ? ದಾರಿ ಗೊತ್ತೈತಲ್ರಿ?'

ಗೊತ್ತಿರಲಿಲ್ಲ. ಬೀಗರನ್ನು ಕರೆದುಕೊಂಡು ಹೋಗಿ ಮಂದಿಯ ಹೊಲದಲ್ಲಿ ನಿಲ್ಲಿಸಿ, ಇದೇ ನೋಡ್ರಿ ನಮ್ಮದು ಅಂದೆ. ಅಲ್ಲಿ ಕಬ್ಬು ಇತ್ತು. ಮೂರು ಹೊಲದ ಆಚೆಯಿಂದ ಪಾಲಿನವನು ಟಾವೆಲ್ಲು ಬೀಸಿ ಮರ್ಯಾದೆ ಉಳಿಸಿದ. ಮಧ್ಯಾಹ್ನದೊಳಗೆ ಅವರು ಹತ್ತು ಸಾಲು ಮುಗಿಸಿದರು, ನಾನು ಒಂದೂವರೆ. ಬೆರಳಲ್ಲಿ ಒಮ್ಮೆ ಸವರಿ ಹತ್ತೆಕರೆ ಕೊಯ್ಯುತ್ತಿದ್ದವನ ಅಂಗೈಯಲ್ಲಿ ನಾಲ್ಕು ಬೊಬ್ಬೆ. ಬೇವಿನ ಗಿಡದ ಕೆಳಗೆ ಸಜ್ಜಿ ರೊಟ್ಟಿ, ಪುಂಡಿಪಲ್ಲೆ, ಹೋಳಿಗೆ. ಎರಡು ವರ್ಷ ತಪ್ಪಿದ್ದ ಚರಗವನ್ನು ಹೆಂಡತಿ ಅಮಾಸಿ ಮುಗಿದ ಮೇಲೆ ಚೆಲ್ಲಿದಳು.

ಸಂಜೆ ಟಂಟಂ ಹತ್ತುವಾಗ ಬೀಗರು ನನ್ನ ಕಡೆ ಬಾಗಿ, ಹೆಂಗಸರಿಗೆ ಕೇಳಿಸದಂತೆ, 'ಕೋಳಿ ತತ್ತಿ ಇಟ್ಟಾವೇನ್ರಿ?' ಅಂದರು. ಟಂಟಂ ಹೊರಟೇ ಹೋಯಿತು.

ನಮ್ಮ ಹೊಲದಲ್ಲಿ ಕೋಳಿ ಇಲ್ಲ. ನಮ್ಮ ಮನೆತನದಲ್ಲೇ ಯಾರೂ ಕೋಳಿ ಸಾಕಿದವರಲ್ಲ.

ಆಮೇಲೆ ಮೊಮ್ಮಗ ಬಂದಾಗ ನಿಲ್ಲಿಸುವ ದಾರಿ ತೋರಿಸಿಕೊಟ್ಟ. ಬಂದ ಸೂಚನೆಯ ಮೇಲೆ ಬೆರಳನ್ನು ಒತ್ತಿ ಹಿಡಿದರೆ ಅಲ್ಲೇ ಅದನ್ನು ಬಂದ್ ಮಾಡುವ ಗುಂಡಿ ಕಾಣಿಸುತ್ತದೆ. 2022ರ ಆಂಡ್ರಾಯ್ಡ್ 13ರಿಂದ ಈಚೆಗೆ ಹೊಸ ಆ್ಯಪುಗಳು ಟಿಣ್ ಎನ್ನುವ ಮೊದಲು ಅಪ್ಪಣೆಯನ್ನೇ ಕೇಳುತ್ತವಂತೆ. ಕೇಳಿದ್ದಕ್ಕೆಲ್ಲ ಹೂಂ ಅಂದವನು ನಾನೇ. ಫೇಸ್‌ಬುಕ್ಕಿನ ಸೆಟ್ಟಿಂಗಿನಲ್ಲಿ ಬ್ಲಾಕ್ ಎಂಬಲ್ಲಿಗೆ ಹೋಗಿ, ಆ್ಯಪ್ ಆಹ್ವಾನದ ಎದುರು ಒಬ್ಬರ ಹೆಸರು ಬರೆದರೆ ಅವರ ಆಟದ ಕರೆಗಳು ಮುಂದೆ ತಾವಾಗಿಯೇ ಬದಿಗೆ ಸರಿಯುತ್ತವೆ. ಹನ್ನೊಂದೂ ಹೆಸರು ಬರೆದೆ. ಹೆಡ್‌ಮಾಸ್ತರರ ಹೆಸರು ಬರೆಯುವಾಗ ಕುರ್ಚಿಯಿಂದ ಎದ್ದು ನಿಂತು ಬರೆದೆ. 'ಅಜ್ಜಾ, ಇಂಡಿ ಅಜ್ಜನ ಹೆಸರೂ ಹಾಕಲೇನು?' ಅಂತ ಹುಡುಗ ಕೇಳಿದ. ಏ, ಬ್ಯಾಡ ಬ್ಯಾಡ ಅಂದೆ.

ಬೇಸಿಗೆಯಲ್ಲಿ ಕರೆ ಬಂತು. ಲಿಂಬಿಕಾಯಿಗೆ ರೇಟು ಏರಿದೆ, ಹರಿಯಲು ಆಳಿಲ್ಲ. ಇಂಡಿ ಲಿಂಬಿಗೆ ಭೌಗೋಳಿಕ ಸೂಚಿಕೆಯ ಮಾನ ಸಿಕ್ಕಿದೆ, ಅದಕ್ಕೊಂದು ಅಭಿವೃದ್ಧಿ ಮಂಡಳಿಯೂ ಇಂಡಿಯಲ್ಲೇ ಇದೆ. ಆದರೆ ಗಿಡದಿಂದ ಕಾಯಿ ಹರಿಯಲು ಮಂಡಳಿ ಬರುವುದಿಲ್ಲ, ಬೀಗರೇ ಆಗಬೇಕು. ಮುಯ್ಯಿ ತೀರಿಸಲು ಹೋದೆ. ಲಿಂಬಿ ಗಿಡಕ್ಕೆ ಎಂಥ ಮುಳ್ಳಿರುತ್ತದೆಂದು ಲಿಂಬಿ ಶರಬತ್ತು ಕುಡಿಯುವವರಿಗೆ ತಿಳಿಯದು. ಎರಡು ದಿನದಲ್ಲಿ ಬಲಗೈ ಹೆಬ್ಬೆರಳು ಜರಡಿಯಾಯಿತು.

ಈಗ ಮೊಬೈಲು ಹೆಬ್ಬೆರಳಿನ ಗುರುತು ಹಿಡಿಯುತ್ತಿಲ್ಲ. 'ಹೊಂದಿಕೆಯಾಗಲಿಲ್ಲ, ಮತ್ತೆ ಪ್ರಯತ್ನಿಸಿ' ಎನ್ನುತ್ತದೆ. ಪಿನ್ ನಂಬರು ಮಗನಿಗೆ ಗೊತ್ತು, ಅವನು ದೀಪಾವಳಿಗೆ ಬರುತ್ತಾನೆ.