ಎಂಟು ಸೆಕೆಂಡು ಅಲ್ಲಾಡಬೇಡಿ

ನಮ್ಮ ಮನೆಯಲ್ಲಿ ಕತ್ತಲೆಗೆ ಕೊರತೆಯಿಲ್ಲ. ಅದನ್ನು ಒದಗಿಸುವವಳು ನಾನೇ. ಯಾರು ಯಾವ ಕೋಣೆಯಿಂದ ಎದ್ದರೂ ಅವರ ಬೆನ್ನಿಗೇ ಹೋಗಿ ಟಪ್ ಎಂದು ಲೈಟ್ ಆರಿಸುತ್ತೇನೆ. ಒಮ್ಮೊಮ್ಮೆ ಅವರು ಎದ್ದಿರುವುದೇ ಇಲ್ಲ. ಬಚ್ಚಲಿನೊಳಗಿಂದ "ಏಯ್, ನಾನಿನ್ನೂ ಒಳಗಿದ್ದೀನಿ ಕಣೇ" ಎಂದು ನಮ್ಮವರು ಕೂಗುವುದು ಬೀದಿಗೆಲ್ಲ ಎಷ್ಟು ರೂಢಿಯೆಂದರೆ, ಅದು ಕೇಳಿಸದ ದಿನ ಎದುರು ಮನೆಯವರು "ಊರಲ್ಲಿರಲಿಲ್ವಾ?" ಎಂದು ವಿಚಾರಿಸುತ್ತಾರೆ.

ಈ ಮಿತವ್ಯಯದ ಫಲ ಸಿಕ್ಕಿದ್ದು 2023ರಲ್ಲಿ, ಗೃಹಜ್ಯೋತಿ ಬಂದಾಗ. ಹಿಂದಿನ ವರ್ಷ ತಿಂಗಳಿಗೆ ಸರಾಸರಿ ಎಷ್ಟು ಉರಿಸಿದ್ದೀರೋ ಅದರ ಮೇಲೆ ನೂರಕ್ಕೆ ಹತ್ತು ಸೇರಿಸಿ ಅಷ್ಟು ಯೂನಿಟ್ ಪುಕ್ಕಟೆ, ಇನ್ನೂರು ಯೂನಿಟ್ಟಿನ ಮಿತಿಯೊಳಗೆ ಎಂದರು. ಹಗಲೂ ರಾತ್ರಿ ಜಗುಲಿಯ ದೀಪ ಉರಿಸುತ್ತಿದ್ದ ಎದುರು ಮನೆಯವರಿಗೆ ಯೂನಿಟ್ಟುಗಳು ಧಾರಾಳವಾಗಿ ಸಿಕ್ಕವು. ನನ್ನ ಸರಾಸರಿ ಪಾತಾಳದಲ್ಲಿತ್ತು, ಅದರ ಮೇಲಿನ ಹತ್ತು ಪರ್ಸೆಂಟ್ ಎಷ್ಟು ಬಂದೀತು? "ಇನ್ನೂ ಸ್ವಲ್ಪ ಆರಿಸಬೇಕಿತ್ತು" ಎಂದು ನಮ್ಮವರು ನಕ್ಕರು. ನಾನು ಎದ್ದುಹೋಗಿ ಅವರ ತಲೆಯ ಮೇಲಿನ ಟ್ಯೂಬ್‌ಲೈಟ್ ಆರಿಸಿದೆ.

ಇಂಥವಳು ರಾತ್ರಿ ಫೋಟೋಗ್ರಫಿ ಕಲಿಯಲು ಹೊರಟದ್ದಕ್ಕೆ ಕಾರಣ ಕಲಾಸಕ್ತಿಯಲ್ಲ, ನನ್ನ ಓರಗಿತ್ತಿ. ಬೆಂಗಳೂರಿನಲ್ಲಿರುವ ಆಕೆ ದಸರೆಗೆ ಬಂದು, ನಮ್ಮ ಮನೆಯಲ್ಲೇ ಉಳಿದು, ನನ್ನ ಕೈಯಡುಗೆ ಉಂಡು, ದೀಪ ಹಚ್ಚಿದ ಅರಮನೆಯ ಫೋಟೋ ಹೊಡೆದು ಕುಟುಂಬದ ವಾಟ್ಸ್ಯಾಪ್ ಗುಂಪಿಗೆ ಹಾಕಿದಳು. ಚಪ್ಪಾಳೆಯೋ ಚಪ್ಪಾಳೆ. ಹುಟ್ಟಿದಾಗಿನಿಂದ ಮೈಸೂರಿನಲ್ಲಿರುವ ನನ್ನ ಬಳಿ ಅರಮನೆಯ ಒಂದು ಫೋಟೋ ಇಲ್ಲ. ಮನೆಯ ಮುಂದಿನ ದೇವರಿಗೆ ಕೈ ಮುಗಿಯುವವರು ಕಡಿಮೆ.

ಮಗ ಅಮೆರಿಕಕ್ಕೆ ಹೋಗುವಾಗ ಬಿಟ್ಟುಹೋದ ಡಿಎಸ್‌ಎಲ್‌ಆರ್ ಕ್ಯಾಮೆರಾ ಬೀರುವಿನಲ್ಲಿತ್ತು. ಟ್ರೈಪಾಡ್ ಮಾತ್ರ ಮಹಡಿಯ ಮೇಲೆ ದುಡಿಯುತ್ತಿತ್ತು. ಅದರ ಮೂರು ಕಾಲು ಅಗಲಿಸಿ ಮೇಲೊಂದು ಮೊರ ಇಟ್ಟರೆ ಸಂಡಿಗೆಗೆ ಇರುವೆ ಬರುವುದಿಲ್ಲ. ಒಣಗಿದ ಹಿಟ್ಟು ಕೆರೆದು ತೊಳೆದು ಒರೆಸಿ, ಒಬ್ಬ ಹುಡುಗ ಹಳೇ ಮೈಸೂರಿನ ಬೀದಿಗಳಲ್ಲಿ ನಡೆಸುವ 'ರಾತ್ರಿ ನಡಿಗೆ'ಗೆ ಹೆಸರು ಕೊಟ್ಟೆ. ಸ್ವಂತ ಊರು ನೋಡಲು ದುಡ್ಡು ಕೊಡುವುದೇ ಎಂದು ಅತ್ತೆ ಮೂಗೆಳೆದರು. ಸಂಜೆ ಎಷ್ಟು ಹೊತ್ತಿಗೆ ಎಂದು ಗೊತ್ತಾದ ಮೇಲಂತೂ ಕೇಳಬೇಡಿ. ಮೇ ತಿಂಗಳ ಕೊನೆಯ ಭಾನುವಾರ, ಸರಿಯಾಗಿ ದೇವರ ಮುಂದೆ ದೀಪ ಹಚ್ಚುವ ಹೊತ್ತು. "ಲಕ್ಷ್ಮಿ ಮನೆಯೊಳಕ್ಕೆ ಬರೋ ಸಮಯದಲ್ಲಿ ಮನೆಯ ಸೊಸೆ ಮೂರು ಕಾಲಿನ ಕೋಲು ಹೊತ್ತು ಹೊರಗೆ ಹೋಗ್ತಾಳೆ" ಎಂದು ಅತ್ತೆ ಗೋಡೆಗೆ ಹೇಳಿದರು. ಕೊನೆಗೆ ದೀಪದ ಜವಾಬ್ದಾರಿಯನ್ನು ಅವರೇ ವಹಿಸಿಕೊಂಡರು. ಟ್ರೈಪಾಡಿನ ಜವಾಬ್ದಾರಿ ನಮ್ಮವರಿಗೆ ಬಂತು. ಅವರು ಫೀಸು ಕಟ್ಟಿರಲಿಲ್ಲ, ಆದ್ದರಿಂದ ಹಮಾಲಿ.

ಪುರಭವನದ ಎದುರು ದೊಡ್ಡ ಗಡಿಯಾರದ ಬಳಿ ಸೇರಿದೆವು. ಕಂಪ್ಯೂಟರ್ ಕಂಪನಿಯ ಹುಡುಗ ಹುಡುಗಿಯರು, ಒಬ್ಬ ದಂತವೈದ್ಯರು, ನಾನು. ಮಾರ್ಗದರ್ಶಿ ಹುಡುಗನಿಗೆ ನನ್ನ ಮಗನಷ್ಟೇ ವಯಸ್ಸು, ಆದರೆ ಕೇಳಿದ್ದಕ್ಕೆ ಉತ್ತರ ಕೊಡುತ್ತಿದ್ದ. ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಗೆ ಇಪ್ಪತ್ತೈದು ತುಂಬಿದ್ದಕ್ಕೆ 1927ರಲ್ಲಿ ಎಬ್ಬಿಸಿದ ಎಪ್ಪತ್ತೈದು ಅಡಿ ಗೋಪುರ ಇದು ಎಂದ. ಗಡಿಯಾರದ ಮುಖದ ಮೇಲೆ ಕನ್ನಡ ಅಂಕಿಗಳಿವೆ ನೋಡಿ ಎಂದ. ಇಷ್ಟು ವರ್ಷ ಅದರ ಕೆಳಗೇ ಬಸ್ಸಿಗೆ ಓಡಿದ್ದೇನೆ, ತಲೆಯೆತ್ತಿ ನೋಡಿದ್ದು ತಡವಾಯಿತೆಂದು ಕೈಕಾಲು ಆಡಿಸುವುದಕ್ಕೆ ಮಾತ್ರ.

ಮೊದಲ ಪಾಠ ಶುರುವಾಯಿತು. "ಎಲ್ಲರೂ ಫ್ಲ್ಯಾಶ್ ಆಫ್ ಮಾಡಿ." ನನ್ನ ಕಿವಿ ನೆಟ್ಟಗಾಯಿತು. ಈ ಫ್ಲ್ಯಾಶ್ ನಾಲ್ಕು ಮಾರು ದೂರ ಹೋಗಿ ಸುಸ್ತಾಗುತ್ತದೆ, ಗೋಪುರ ಮುಟ್ಟುವುದಿಲ್ಲ, ಮುಂದೆ ನಿಂತವರ ಬೋಳುತಲೆ ಮಾತ್ರ ಹೊಳೆಯುತ್ತದೆ ಎಂದ. "ಲೆನ್ಸಿನ ಪಕ್ಕದಲ್ಲಿ ಅಲುಗಾಟ ತಡೆಯೋ ಗುಂಡಿ ಇದೆ, ಟ್ರೈಪಾಡ್ ಮೇಲಿಟ್ಟಾಗ ಅದನ್ನೂ ಆಫ್ ಮಾಡಿ. ಇಲ್ಲದ ಅಲುಗಾಟ ಹುಡುಕಿಕೊಂಡು ಅದೇ ಅಲ್ಲಾಡಿಸುತ್ತೆ." ಮಾಡಿದೆ. "ಸ್ಕ್ರೀನಿನ ಬೆಳಕು ಕಮ್ಮಿ ಮಾಡಿ. ಕತ್ತಲಲ್ಲಿ ಅದು ಸುಳ್ಳು ಹೇಳುತ್ತೆ, ಕೆಟ್ಟ ಫೋಟೋನೂ ಚೆನ್ನಾಗಿದೆ ಅನಿಸುತ್ತೆ." ಅದನ್ನೂ ಮಾಡಿದೆ. ಉಳಿದವರು ಗುಂಡಿ ಹುಡುಕುತ್ತಿರುವಾಗಲೇ ನನ್ನದೆಲ್ಲ ಆರಿತ್ತು. "ಆಂಟಿ ಸೂಪರ್ ಫಾಸ್ಟ್" ಎಂದ ಹುಡುಗ. ನಮ್ಮವರು ದಂತವೈದ್ಯರ ಕಿವಿಯಲ್ಲಿ ಏನೋ ಹೇಳಿದರು. ಇಬ್ಬರೂ ನಕ್ಕರು. ದಂತವೈದ್ಯರ ಹಲ್ಲು ಅಷ್ಟೇನೂ ಚೆನ್ನಾಗಿರಲಿಲ್ಲ.

ಎರಡನೆಯ ಪಾಠ ನನಗೆ ಇನ್ನೂ ಹಿಡಿಸಿತು. ಬೆಳಕು ಕಡಿಮೆ ಇದ್ದರೆ ಹೆಚ್ಚು ಬೆಳಕು ತರಬೇಡಿ, ಇರುವುದನ್ನೇ ಹೆಚ್ಚು ಹೊತ್ತು ತಗೊಳ್ಳಿ ಎಂಬುದು ಅದರ ಸಾರ. ಐಎಸ್‌ಒ ಏರಿಸಿದರೆ ಕ್ಯಾಮೆರಾ ಚುರುಕಾಗುತ್ತದೆ, ನಿಜ; ಆದರೆ ಆಕಾಶದ ತುಂಬ ಚಿರೋಟಿ ರವೆ ಚೆಲ್ಲಿದ ಹಾಗೆ ಕಾಳುಕಾಳು ಕಾಣುತ್ತದೆ. ಅದನ್ನು ನೂರರಲ್ಲೇ ಕೂರಿಸಿ, ಲೆನ್ಸಿನ ಕಂಡಿಯನ್ನು ಎಂಟಕ್ಕೋ ಹನ್ನೊಂದಕ್ಕೋ ಕಿರಿದು ಮಾಡಿ, ಶಟರನ್ನು ಸೆಕೆಂಡುಗಟ್ಟಲೆ ತೆರೆದಿಡಬೇಕು. ಗುಂಡಿಯನ್ನು ಬೆರಳಿನಿಂದ ಒತ್ತಿದರೂ ಕ್ಯಾಮೆರಾ ನಡುಗುವುದರಿಂದ ಎರಡು ಸೆಕೆಂಡಿನ ಟೈಮರ್ ಇಟ್ಟು ದೂರ ಸರಿಯಬೇಕು. ಇದ್ದುದರಲ್ಲೇ ಸಂಸಾರ ತೂಗಿಸುವ ಈ ವಿದ್ಯೆಗೆ ಇಂಗ್ಲಿಷಿನಲ್ಲಿ ಅಷ್ಟೊಂದು ಪುಸ್ತಕ ಯಾಕೆ ಬರೆದರೋ.

ನಡಿಗೆಗೆ ಮೇ ತಿಂಗಳೇ ಯಾಕೆ ಎಂಬುದರಲ್ಲಿ ಒಂದು ಸೂಕ್ಷ್ಮವಿದೆ. ಅದನ್ನು ಕೇಳಿದಾಗ ಓರಗಿತ್ತಿಯ ವಿಷಯದಲ್ಲಿ ನನ್ನ ಹೊಟ್ಟೆ ಸ್ವಲ್ಪ ತಣ್ಣಗಾಯಿತು. ಅರಮನೆಗೆ ಭಾನುವಾರ, ಸರ್ಕಾರಿ ರಜೆಗಳಂದು ದೀಪ ಹಾಕುವುದು ಸಂಜೆ ಏಳಕ್ಕೆ. ದಸರೆಯ ಹೊತ್ತಿಗೆ ಸೂರ್ಯ ಆರೂಕಾಲರ ಒಳಗೇ ಮುಳುಗಿರುತ್ತಾನೆ. ಏಳಕ್ಕೆ ಆಕಾಶ ಕಪ್ಪು ಮಸಿ. ಡಿಸೆಂಬರಿನಲ್ಲೂ ಅದೇ ಕಥೆ. ಮೇ ಕೊನೆ, ಜೂನ್‌ನಲ್ಲಿ ಮುಳುಗುವುದು ಆರೂಮುಕ್ಕಾಲರ ಸುಮಾರಿಗೆ. ಆಗ ಏಳು ಗಂಟೆಗೆ ಆಕಾಶದಲ್ಲಿ ಇನ್ನೂ ಕಡುನೀಲಿ ಉಳಿದಿರುತ್ತದೆ, ಕೆಳಗೆ ಬಲ್ಬುಗಳ ಹಳದಿ. ಆ ನೀಲಿಯೂ ನಮ್ಮ ಕಡೆ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಯುರೋಪಿನಲ್ಲಿ ಸೂರ್ಯ ಓರೆಯಾಗಿ ಜಾರುತ್ತಾ ಗಂಟೆಗಟ್ಟಲೆ ಬೀಳ್ಕೊಡುಗೆ ಮಾಡಿಸಿಕೊಳ್ಳುತ್ತಾನೆ. ಇಲ್ಲಿ ನೆಟ್ಟಗೆ ಇಳಿದುಬಿಡುತ್ತಾನೆ. ಇಪ್ಪತ್ತು ನಿಮಿಷ ಸಿಕ್ಕರೆ ಪುಣ್ಯ. ಅಂದರೆ ಓರಗಿತ್ತಿಯ ಫೋಟೋದಲ್ಲಿ ಆಕಾಶವೇ ಇರಲಿಲ್ಲ! ಇದನ್ನು ಗುಂಪಿನಲ್ಲಿ ಹೇಗೆ ಹೇಳುವುದೆಂದು ಅಲ್ಲೇ ವಾಕ್ಯ ಜೋಡಿಸತೊಡಗಿದೆ.

ಜಯಮಾರ್ತಾಂಡ ದ್ವಾರದ ಹೊರಗೆ ಸಾಲಾಗಿ ನಿಂತೆವು. ಕಮಾನಿನ ಒಳಗಿಂದ ಅರಮನೆ ನೇರ ಕಾಣುತ್ತದೆ. ನಮ್ಮವರು ಟ್ರೈಪಾಡ್ ಬಿಚ್ಚಿದರು: ಮೊದಲು ದಪ್ಪ ಕಾಲುಗಳನ್ನು ಎಳೆಯಬೇಕು, ತೆಳುವಾದವು ಆಮೇಲೆ, ನಡುವಿನ ಕಂಬ ಏರಿಸಲೇಬಾರದು ಎಂದು ಹುಡುಗ ಹೇಳಿದ್ದಕ್ಕೆ ಸರಿಯಾಗಿ ತಿರುಗುಮುರುಗು. ಸರಿಮಾಡಿ, ಕೆಳಗಿನ ಕೊಕ್ಕೆಗೆ ಭಾರಕ್ಕೆಂದು ನನ್ನ ವ್ಯಾನಿಟಿ ಬ್ಯಾಗು ನೇತುಹಾಕಿದೆ. ಅದರಲ್ಲಿ ನೀರಿನ ಬಾಟಲು, ಕೊಡೆ, ಎರಡು ಕೋಡುಬಳೆ ಪೊಟ್ಟಣ ಇದ್ದುದರಿಂದ ಇಡೀ ಗುಂಪಿನಲ್ಲಿ ನನ್ನ ಟ್ರೈಪಾಡೇ ಭದ್ರ.

ಏಳಕ್ಕೆ ಸ್ವಲ್ಪ ಮೊದಲು ಕತ್ತಲ ಅರಮನೆಗೆ ಲೆಕ್ಕ ಹಾಕಿ ಹದಿನೈದು ಸೆಕೆಂಡು ಇಟ್ಟು ಒತ್ತಿದೆ. ಶಟರ್ ತೆರೆದೇ ಇದೆ. ಲಕ್ಷದ ಹತ್ತಿರದಷ್ಟು ಬಲ್ಬುಗಳು ಒಂದೇ ಏಟಿಗೆ ಹೊತ್ತಿಕೊಂಡವು. ಜನ ಹೋ ಎಂದರು. ನನ್ನ ಬಾಯಿಂದ ಬಂದದ್ದು "ಅಯ್ಯಯ್ಯೋ!" ಅದು ಸೌಂದರ್ಯಕ್ಕೋ ಕರೆಂಟಿಗೋ ನನಗೇ ಗೊತ್ತಾಗಲಿಲ್ಲ. ಒಂದೊಂದು ಬಲ್ಬು ಹದಿನೈದು ವ್ಯಾಟ್ ಎಂದೇ ಇಟ್ಟುಕೊಳ್ಳಿ, ಮುಕ್ಕಾಲು ಗಂಟೆಗೆ ಸಾವಿರದ ನೂರು ಯೂನಿಟ್ ದಾಟುತ್ತದೆ. ನಮ್ಮ ಮನೆ ಅಷ್ಟರಲ್ಲಿ ಒಂದು ವರ್ಷ ಬದುಕುತ್ತದೆ, ಹಬ್ಬಗಳೂ ಸೇರಿ.

ಆ ಫೋಟೋದಲ್ಲಿ ಗೋಪುರ, ಕಮಾನು ಏನೂ ಇಲ್ಲ, ಬರೀ ಬಿಳಿ ಜ್ವಾಲೆ. "ಅರಮನೆಗೆ ಬೆಂಕಿ ಬಿದ್ದ ಹಾಗಿದೆ" ಎಂದರು ನಮ್ಮವರು. ಹುಡುಗ ತಕ್ಷಣ ಎಳೆದುಕೊಂಡ: ಬಿದ್ದಿತ್ತಲ್ಲ! ಇಲ್ಲಿದ್ದ ಹಳೆಯ ಮರದ ಅರಮನೆ 1897ರಲ್ಲಿ ರಾಜಕುಮಾರಿ ಜಯಲಕ್ಷಮ್ಮಣ್ಣಿಯವರ ಮದುವೆ ಸಂಭ್ರಮದಲ್ಲೇ ಸುಟ್ಟುಹೋಯಿತು. ಹೆನ್ರಿ ಇರ್ವಿನ್ ನಕ್ಷೆ ಬರೆದು ಈಗಿನದ್ದು 1912ರಲ್ಲಿ ಮುಗಿಯಿತು. ಶಿವನಸಮುದ್ರದಲ್ಲಿ 1902ರಲ್ಲೇ ವಿದ್ಯುತ್ ಹುಟ್ಟಿತ್ತಾದರೂ ಮೊದಲು ಹೋದದ್ದು ಕೋಲಾರದ ಚಿನ್ನದ ಗಣಿಗೆ, 1905ರಲ್ಲಿ ಬೆಂಗಳೂರಿಗೆ. ಮೈಸೂರಿನ ಸರದಿ ಆಮೇಲೆ. ಬೆಂಗಳೂರಿನವರು ಮುಂದೆ ನುಗ್ಗುವುದು ಇಂದು ನಿನ್ನೆಯದಲ್ಲ ಎಂದುಕೊಂಡೆ. ಎರಡು ಸೆಕೆಂಡಿಗೆ ಇಳಿಸಿ ಹೊಡೆದದ್ದರಲ್ಲಿ ಗೋಪುರ ಬಂತು, ಗುಮ್ಮಟಗಳು ಬಂದವು, ಮೇಲೆ ನೀಲಿಯೂ ಬಂತು. ಬಾಗಿಲ ಬಳಿ ಬಲೂನು ಮಾರುವವನೂ ಬಂದ, ಆದರೆ ಮಸುಕಾಗಿ.

ಚಾಮರಾಜ ವೃತ್ತದಲ್ಲಿ ವಾಹನಗಳ ಬೆಳಕಿನ ಗೆರೆ ಹಿಡಿಯುವ ಪಾಠ. ಚಾಮರಾಜೇಂದ್ರ ಒಡೆಯರ ಮೂರ್ತಿ ಮಧ್ಯೆ, ಸುತ್ತ ಸಿಟಿ ಬಸ್ಸು ಬಂದರೆ ಕೆಂಪು ದಾರ ಸುತ್ತಿದಂತೆ ಮೂಡುತ್ತದೆ, ಬಸ್ಸು ಮಾತ್ರ ಮಾಯ ಎಂದ. ಬಸ್ಸಿಗಾಗಿ ಕಾದೆವು. ಬೇಡವೆಂದಾಗ ಸಾಲಾಗಿ ಬರುವ ಬಸ್ಸುಗಳು ಒಂದೂ ಇಲ್ಲ. ಕೊನೆಗೊಂದು ತಿರುಗಿತು, ಶಟರ್ ಬಿಟ್ಟೆ, ಅಷ್ಟರಲ್ಲಿ ಒಂದು ಆಟೋ ಲೆನ್ಸಿನ ಮೂಗಿಗೇ ಬಂದು ನಿಂತು "ಎಲ್ಲಿಗಮ್ಮಾ?" ಎಂದಿತು. ಹೆಡ್‌ಲೈಟ್ ಉರಿಯುತ್ತಲೇ ಇದೆ. ಹೋಗಪ್ಪಾ ಎನ್ನಬೇಕಾದ ನಮ್ಮವರು "ಸರಸ್ವತಿಪುರಂಗೆ ಎಷ್ಟು?" ಎಂದು ಚೌಕಾಸಿಗೆ ನಿಂತರು. ಬರುವುದಿಲ್ಲವಾದರೂ ದರ ತಿಳಿದಿರಲಿ ಎಂಬುದು ಅವರ ವಾದ.

ಮಾರ್ಕೆಟ್ಟಿನತ್ತ ನಡೆಯುವಾಗ ಹುಡುಗ ಟಿ. ಎಸ್. ಸತ್ಯನ್ ಅವರ ವಿಷಯ ತೆಗೆದ. 'ಲೈಫ್' ಪತ್ರಿಕೆಗೆ ಚಿತ್ರ ತೆಗೆದ ಅವರು ಇದೇ ಊರಿನವರು, ಸಾಮಾನ್ಯ ಜನರ ದಿನದ ಬದುಕೇ ಅವರಿಗೆ ವಸ್ತು ಎಂದ. ಅದನ್ನು ಕೇಳಿ ನಾವೆಲ್ಲರೂ ಸಾಮಾನ್ಯ ಜನರನ್ನು ಹುಡುಕುವವರಂತೆ ಆಚೀಚೆ ನೋಡಿದೆವು. ಸಾಮಾನ್ಯ ಜನರು ನಮ್ಮನ್ನೇ ನೋಡುತ್ತಿದ್ದರು. ದೇವರಾಜ ಮಾರ್ಕೆಟ್ಟಿನ ಪಕ್ಕ ಕಾಲು ಅಗಲಿಸಿ ಟ್ರೈಪಾಡ್ ಇಟ್ಟಿದ್ದೇ ತಡ, ಮೈಸೂರು ಮಲ್ಲಿಗೆಯ ಮೊಳ ಅಳೆಯುತ್ತಿದ್ದ ಹೆಂಗಸು ಕೈ ನಿಲ್ಲಿಸಿ "ಸರ್ವೇಗೆ ಬಂದ್ರಾ? ಮಾರ್ಕೆಟ್ ಒಡೀತಾರಾ?" ಎಂದಳು. ಅವಳ ಗಾಬರಿ ಸುಮ್ಮನೆ ಬಂದದ್ದಲ್ಲ. 2012ರಲ್ಲಿ ಎದುರಿನ ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ ಕುಸಿಯಿತು, 2016ರಲ್ಲಿ ಮಾರ್ಕೆಟ್ಟಿನದೇ ಒಂದು ಭಾಗ. ಆಮೇಲೆ ಒಡೆಯಬೇಕೋ ಉಳಿಸಬೇಕೋ ಎಂಬ ವಾದ ವರ್ಷಗಟ್ಟಲೆ ನಡೆದಿದೆ. ಮೂರು ಕಾಲಿನ ಯಾವ ವಸ್ತು ಕಂಡರೂ ಅಂಗಡಿಯವರ ಎದೆ ಧಸಕ್ಕೆನ್ನುತ್ತದೆ. ನಾನು ಗಂಭೀರವಾಗಿ "ಇಲ್ಲಮ್ಮ, ಫೋಟೋ" ಎಂದೆ. ಅವಳು ಕ್ಯಾಮೆರಾ ನೋಡಿದಳು, ನನ್ನ ನೋಡಿದಳು, ನೇತಾಡುವ ವ್ಯಾನಿಟಿ ಬ್ಯಾಗು ನೋಡಿದಳು. ನಂಬಿದ ಹಾಗೆ ಕಾಣಲಿಲ್ಲ. ಅನುಮಾನಕ್ಕೆ ಪರಿಹಾರವಾಗಿ ನಾಲ್ಕು ಮೊಳ ಕೊಂಡೆ.

ವೈಸರಾಯ್ ಡಫರಿನ್ ಬಂದುಹೋದ ನೆನಪಿಗೆ ಕಟ್ಟಿದ ಚಿಕ್ಕ ಗಡಿಯಾರದ ಮುಂದೆ ಕಡೆಯ ಪಾಠ: ಜನಜಂಗುಳಿಯನ್ನು ಮಾಯ ಮಾಡುವುದು. ಶಟರ್ ಎಂಟು ಸೆಕೆಂಡು ತೆರೆದಿಟ್ಟರೆ ನಡೆಯುವವರು ಎಲ್ಲೂ ಸಾಕಷ್ಟು ಹೊತ್ತು ನಿಲ್ಲದ ಕಾರಣ ಚಿತ್ರಕ್ಕೆ ಹತ್ತುವುದೇ ಇಲ್ಲ, ಕಟ್ಟಡವಷ್ಟೇ ಉಳಿಯುತ್ತದೆ. "ಒಬ್ಬೊಬ್ಬರೇ ಟೈಮರ್ ಇಟ್ಟು ನೀವೂ ಹೋಗಿ ನಿಂತುಕೊಳ್ಳಿ. ಎಂಟು ಸೆಕೆಂಡು ಅಲ್ಲಾಡಬೇಡಿ, ನೀವು ಮಾತ್ರ ಬರ್ತೀರಿ" ಎಂದ. ಹತ್ತು ಸೆಕೆಂಡಿನ ಟೈಮರ್ ಒತ್ತಿ ಓಡಿದೆ. ಸೀರೆ, ಚಪ್ಪಲಿ, ಅಡ್ಡಬಂದ ಸ್ಕೂಟರು. ಹೋಗಿ ನಿಲ್ಲುವ ಹೊತ್ತಿಗೆ ಅರ್ಧ ಸಮಯ ಕಳೆದಿತ್ತು. ನಿಂತವಳು, ಕ್ಯಾಮೆರಾ ಬಿಟ್ಟುಬಂದೆನಲ್ಲ, ಯಾರಾದರೂ ಹೊತ್ತೊಯ್ದರೆ ಎಂದು ಮತ್ತೆ ಓಡಿದೆ.

ಎಲ್ಲರೂ ಸ್ಕ್ರೀನಿನ ಮೇಲೆ ಬಗ್ಗಿದರು. ಗೋಪುರ ಸ್ಫಟಿಕದಂತೆ ಬಂದಿದೆ. ಬೀದಿ ಬಹುಮಟ್ಟಿಗೆ ಖಾಲಿ. ನಾನು ಇದ್ದೇನೆ, ಇಲ್ಲವೆನ್ನುವಂತಿಲ್ಲ. ನನ್ನ ಹೊಟ್ಟೆಯ ಮೂಲಕ ಹಿಂದಿನ ಅಂಗಡಿಯ ಬೋರ್ಡು ಓದಬಹುದು. ಬಲಗಡೆ, ಚುರುಮುರಿ ಗಾಡಿಯ ಪಕ್ಕ, ಗಡಿಯಾರಕ್ಕಿಂತ ಸ್ಪಷ್ಟವಾಗಿ ಒಬ್ಬರು ನಿಂತಿದ್ದಾರೆ. ಅಂಗಿಯ ಗುಂಡಿ ಎಣಿಸಬಹುದು. ಎಡಗೈಯಲ್ಲಿ ಪೇಪರ್ ಪೊಟ್ಟಣ, ಬಲಗೈ ಅರ್ಧ ದಾರಿಯಲ್ಲಿ, ಬಾಯಿ ತೆರೆದಿದೆ, ಕೆಳತುಟಿಯ ಮೇಲೆ ಒಂದು ಕ್ಯಾರೆಟ್ ತುರಿ. ಗಾಡಿಯವನೂ ಸುತ್ತಲಿನವರೂ ಹೊಗೆಯಾಗಿ ಹೋಗಿದ್ದಾರೆ.

"ಯಾರ್ರೀ ಇವರು? ಎಂಟು ಸೆಕೆಂಡು ಒಂದಿಷ್ಟೂ ಅಲ್ಲಾಡಿಲ್ಲವಲ್ಲ!" ಎಂದು ಹುಡುಗ ಬೆರಗಾದ. ಖಾರ ಹೆಚ್ಚಾಗಿ ಸೀನು ಬಂದೀತೆಂದು ಕಾಯುತ್ತಿದ್ದೆ ಎಂದರು ನಮ್ಮವರು. ಸೀನು ಬರಲಿಲ್ಲವಂತೆ. ಮೂವತ್ತು ವರ್ಷದಿಂದ ಸೋಫಾದ ಮೇಲೆ ನಾನು ಏನನ್ನು ಸೋಮಾರಿತನ ಎಂದು ಬಯ್ಯುತ್ತಿದ್ದೆನೋ ಅದಕ್ಕೆ ಕಂಪ್ಯೂಟರ್ ಹುಡುಗಿಯರು ಚಪ್ಪಾಳೆ ತಟ್ಟಿದರು. ದಂತವೈದ್ಯರು ಕೈಕುಲುಕಿದರು.

ಮನೆಯಲ್ಲಿ ಅತ್ತೆ ಕನ್ನಡಕ ಹಾಕಿಕೊಂಡು ನೋಡಿ, "ಇವನು ಚೆನ್ನಾಗಿ ಬಂದಿದಾನೆ. ಈ ಹೆಂಗಸು ಯಾರೇ, ಪಾಪ, ಕಾಯಿಲೆಯವಳ ಹಾಗಿದ್ದಾಳೆ" ಎಂದರು. ರಾತ್ರಿಯೇ ಅರಮನೆಯ ಫೋಟೋವನ್ನು, ನೀಲಿ ಆಕಾಶದ ಬಗ್ಗೆ ನಾಲ್ಕು ಸಾಲಿನ ವಿವರಣೆಯ ಸಮೇತ, ಗುಂಪಿಗೆ ಹಾಕಿದೆ. ಎರಡು ಹೆಬ್ಬೆರಳು ಬಂದವು, ಒಂದು ಅತ್ತೆಯದು. ನಮ್ಮವರು ನನಗೆ ಹೇಳದೆ ತಮ್ಮ ಚುರುಮುರಿ ಫೋಟೋ ಹಾಕಿದರು. ಅಮೆರಿಕದಿಂದ ಮಗ, ಶಿವಮೊಗ್ಗದಿಂದ ನಾದಿನಿ, ಎಂದೂ ಬಾಯಿ ಬಿಡದ ದೊಡ್ಡಪ್ಪ, ಎಲ್ಲರೂ ಎದ್ದು ಕೂತರು. ಹನ್ನೊಂದು ಗಂಟೆಗೆ ಓರಗಿತ್ತಿಯೇ ಫೋನ್ ಮಾಡಿದಳು. ಆಕಾಶದ ವಿಷಯ ಎತ್ತಲು ನಾನು ಸಿದ್ಧಳಾಗಿ ಕೂತೆ.

"ಭಾವ ತಿಂತಿದ್ದಾರಲ್ಲ, ಆ ಚುರುಮುರಿ ಗಾಡಿ ಕರೆಕ್ಟಾಗಿ ಎಲ್ಲಿ ಬರುತ್ತೆ?"

ಬರುವ ಭಾನುವಾರ ಬರುತ್ತಾಳಂತೆ. ನಮ್ಮವರು ಲೊಕೇಶನ್ ಕಳಿಸಿದ್ದಾರೆ, ನಿಂಬೆಹುಳಿ ಜಾಸ್ತಿ ಹಾಕಿಸಿಕೋ ಎಂಬ ಸೂಚನೆಯ ಸಮೇತ.