ಅಪಾಯಕ್ಕೆ ವಾಯಿದೆ ಇಲ್ಲ, ನನಗೆ ಉಂಟು!

ಮಂಗಳೂರಿನಲ್ಲಿ ಅಡುಗೆ ಅನಿಲ ತುಂಬಿಕೊಂಡು ಘಟ್ಟ ಹತ್ತುವ ಬುಲೆಟ್ ಟ್ಯಾಂಕರುಗಳ ಚಾಲಕರ ಲೈಸೆನ್ಸಿನಲ್ಲಿ ಬೇರೆ ಚಾಲಕರಿಗಿಲ್ಲದ ಒಂದು ಸಾಲು ಇರುತ್ತದೆ. ಮನುಷ್ಯರ ಜೀವಕ್ಕೆ ಅಪಾಯ ತರಬಲ್ಲ ಸರಕಿನ ಗಾಡಿ ಓಡಿಸಲು ಇವರಿಗೆ ಅಧಿಕಾರವಿದೆ ಎನ್ನುವ ಸಾಲು. ಕಾನೂನಿನಲ್ಲಿ ಅದಕ್ಕೆ ಉದ್ದದ ಹೆಸರಿದೆ. ಲೈನಿನ ಮೇಲಿರುವವರು ‘ಹಜಾರ್ಡಸ್’ ಎಂದಷ್ಟೇ ಅನ್ನುತ್ತಾರೆ. ‘ಹಜಾರ್ಡಸ್ ಮಾಡಿಸಿದ್ದೀಯಾ?’, ‘ಹಜಾರ್ಡಸ್ ಮುಗಿದಿದೆ’, ‘ಹಜಾರ್ಡಸ್ ಇದ್ದರೆ ನಾಳೆಯೇ ಲೋಡಿಗೆ ಬಾ.’ ಶಿರಾಡಿ ಹತ್ತುವ ಮುಂಚೆ ಗುಂಡ್ಯದಲ್ಲಿ ಟ್ಯಾಂಕರ್ ನಿಲ್ಲಿಸಿ ಚಾಲಕರು ಕಣ್ಣು ಮುಚ್ಚಿದ್ದಾಗ, ಅವರ ಅಂಗಿಯ ಕಿಸೆಯೊಳಗೆ ಮಂಜುನಾಥ ಸ್ವಾಮಿಯ ಪುಟ್ಟ ಪಟದ ಹಿಂದೆ ಬೆವರುತ್ತಿದ್ದ ಈ ಸಾಲು ಮಾತಿಗೆ ಸಿಕ್ಕಿತು.

ನಮಸ್ಕಾರ. ನಿಮ್ಮ ಪರಿಚಯ ಹೇಳಬಹುದೇ?

ಮೆಲ್ಲ ಮಾತಾಡಿ ಮಾರಾಯ್ರೆ, ಯಜಮಾನರು ಈಗಷ್ಟೇ ಮಲಗಿದ್ದು. ಕೇಂದ್ರ ಮೋಟಾರು ವಾಹನ ನಿಯಮಗಳು, 1989. ಅದರಲ್ಲಿ ಒಂಬತ್ತನೆಯ ನಿಯಮ. ಅದೇ ನನ್ನ ಮೂಲಸ್ಥಾನ. ದೆಹಲಿಯಲ್ಲಿ ಬರೆದರು, ಮಂಗಳೂರಿನ ಆರ್‌ಟಿಓ ಕಚೇರಿಯಲ್ಲಿ ಟೈಪು ಮಾಡಿದರು. ಹಾಗಾಗಿ ಮಾತು ಮಂಗಳೂರಿನದ್ದು. ಗುಣ ಮಾತ್ರ ದೆಹಲಿಯದ್ದೇ: ಎಲ್ಲ ಗೊತ್ತು, ಎಂತದೂ ಕಾಣುವುದಿಲ್ಲ.

ಒಂದೇ ಕಾರ್ಡಿನಲ್ಲಿ ಬೇರೆಯವರೂ ಇದ್ದಾರಲ್ಲ? ಹೊಂದಾಣಿಕೆ ಹೇಗಿದೆ?

ಮೂವರು ಬಾಡಿಗೆದಾರರು, ಮೂರು ಅಗ್ರಿಮೆಂಟು. ಕೆಳಗಿನ ಮನೆಯಲ್ಲಿ ಸ್ವಂತ ಕಾರು ಓಡಿಸುವ ಲೈಸೆನ್ಸು. ಅವನದ್ದು ಜಮೀನ್ದಾರಿ ಬದುಕು. ಮೂವತ್ತು ವರ್ಷದೊಳಗೆ ಮಾಡಿಸಿಕೊಂಡರೆ ನಲವತ್ತು ತುಂಬುವವರೆಗೆ ಯಾರೂ ಬಾಗಿಲು ತಟ್ಟುವುದಿಲ್ಲ. ನಡುವೆ ಟ್ರಾನ್ಸ್‌ಪೋರ್ಟಿನವನು, ಮೊದಲು ಮೂರು ವರ್ಷ ಇತ್ತು, 2019ರ ತಿದ್ದುಪಡಿಯಲ್ಲಿ ಐದು ಮಾಡಿದರು. ಅಟ್ಟದ ಮೇಲೆ ನಾನು. ನನಗೆ ಮೊದಲು ಒಂದೇ ವರ್ಷ, ಈಗ ಮೂರು.

ಇದರ ಮಜಾ ಎಂತ ಗೊತ್ತುಂಟಾ? ಯಜಮಾನರು ಕಾರ್ಡು ತೆಗೆದು ನೋಡುವಾಗ ಅವರ ಕಣ್ಣಿಗೆ ಬೀಳುವುದು ಎಲ್ಲಕ್ಕಿಂತ ದೂರದ ತಾರೀಕು. ‘ಓ, ಇನ್ನೂ ಉಂಟು’ ಎಂದು ಪುನಃ ಕಿಸೆಗೆ. ನಾನು ಅಟ್ಟದಲ್ಲಿ ಸತ್ತು ಒಣಗಿದರೂ ಕೆಳಗಿನ ಜಮೀನ್ದಾರ ನಗುತ್ತಲೇ ಇರುತ್ತಾನೆ. ಅವನ ನಗು ನೋಡಿಯೇ ಎಷ್ಟೋ ಚಾಲಕರು ಮೋಸ ಹೋಗಿದ್ದಾರೆ.

ಅವಧಿ ಮುಗಿದ ಮೇಲೆ ನಾಲ್ಕು ದಿನ ರಿಯಾಯಿತಿ ಇರುತ್ತದಲ್ಲವೇ?

ಇತ್ತು! ಮೂವತ್ತು ದಿನ. ಲೈಸೆನ್ಸಿನ ಅವಧಿ ಮುಗಿದರೂ ಒಂದು ತಿಂಗಳು ಅದು ಜೀವಂತ ಎಂದು ಹಳೆಯ ಕಾಯ್ದೆಯಲ್ಲಿ ಬರೆದಿದ್ದರು. 2019ರಲ್ಲಿ ಆ ಸಾಲನ್ನೇ ಎತ್ತಿ ಬಿಸಾಡಿದರು. ಈಗ ರಾತ್ರಿ ಹನ್ನೆರಡು ಹೊಡೆಯಿತೋ, ಕತೆ ಮುಗಿಯಿತು. ಅದರ ಬದಲಿಗೆ ಬೇರೊಂದು ಉಪಕಾರ ಮಾಡಿದ್ದಾರೆ: ನವೀಕರಣದ ಅರ್ಜಿಯನ್ನು ಅವಧಿ ಮುಗಿಯುವುದಕ್ಕೆ ಒಂದು ವರ್ಷ ಮುಂಚೆಯೇ ಹಾಕಬಹುದು. ಮುಗಿದು ಒಂದು ವರ್ಷ ದಾಟಿದರೆ ಪುನಃ ಪರೀಕ್ಷೆ ಕೊಡಬೇಕು. ಇಪ್ಪತ್ತು ವರ್ಷ ಶಿರಾಡಿಯ ತಿರುವುಗಳಲ್ಲಿ ಟ್ಯಾಂಕರ್ ಇಳಿಸಿದ ಮನುಷ್ಯ ಮೈದಾನದಲ್ಲಿ ಎಂಟು ಹಾಕುವ ಹುಡುಗರ ಹಿಂದೆ ಕ್ಯೂ ನಿಲ್ಲಬೇಕು.

ಒಂದು ವರ್ಷ ಮುಂಚೆ ಯಾರು ಹಾಕುತ್ತಾರೆ ಎಂದು ಕೇಳಬೇಡಿ. ಈ ದೇಶದಲ್ಲಿ ಕರೆಂಟು ಬಿಲ್ಲನ್ನು ಒಂದು ದಿನ ಮುಂಚೆ ಕಟ್ಟಿದವರನ್ನು ನಾನು ನೋಡಿಲ್ಲ.

ಕೊರೋನಾ ಕಾಲದಲ್ಲಿ ನಿಮ್ಮ ಪರಿಸ್ಥಿತಿ ಹೇಗಿತ್ತು?

ಅದು ನನ್ನ ಸುವರ್ಣಯುಗ. 2020ರ ಫೆಬ್ರವರಿ ಒಂದರ ನಂತರ ಅವಧಿ ಮುಗಿದ ಲೈಸೆನ್ಸು, ಪರ್ಮಿಟ್ಟು, ಎಫ್‌ಸಿ ಎಲ್ಲವೂ ಊರ್ಜಿತವೇ ಎಂದು ಕೇಂದ್ರದವರು ಸುತ್ತೋಲೆ ಹೊರಡಿಸಿದರು. ಮತ್ತೊಂದು, ಮಗದೊಂದು. ಹಾಗೇ ದಬ್ಬುತ್ತಾ ದಬ್ಬುತ್ತಾ 2021ರ ಅಕ್ಟೋಬರ್ 31ರವರೆಗೆ ತಂದರು. ಜನ ಸಾಯುತ್ತಿದ್ದ ಹೊತ್ತಿನಲ್ಲಿ ಕಾಗದಗಳೆಲ್ಲ ಚಿರಂಜೀವಿ. ತಪ್ಪು ಎನ್ನಲಿಕ್ಕೆ ಆಗುವುದಿಲ್ಲ. ಆಸ್ಪತ್ರೆಗೆ ಆಮ್ಲಜನಕ, ಮನೆಗೆ ಗ್ಯಾಸು ಹೋಗಲೇಬೇಕಿತ್ತು. ಆದರೆ ಮರುತರಬೇತಿ ಇಲ್ಲದೆಯೂ ಗಾಡಿ ಓಡುತ್ತದೆ ಎಂದು ಗೊತ್ತಾದ ಮೇಲೆ ಕೆಲವು ಮಾಲಕರು ನನ್ನನ್ನು ನೋಡುವ ದೃಷ್ಟಿಯೇ ಬೇರೆಯಾಯಿತು.

ತರಬೇತಿ ಎಂದಿರಿ. ಅದರಲ್ಲಿ ಏನು ಕಲಿಸುತ್ತಾರೆ?

ಮೂರು ದಿನದ ಕೋರ್ಸು. ಎದುರಿನವನು ತಪ್ಪು ಮಾಡುತ್ತಾನೆ ಎಂದುಕೊಂಡೇ ಗಾಡಿ ಓಡಿಸುವುದು ಹೇಗೆ, ಬ್ರೇಕು ಹಿಡಿಯದಿದ್ದರೆ ಎಂತ ಮಾಡುವುದು, ಹಿಂದೆ ತುಂಬಿದ ಸರಕಿನ ಸ್ವಭಾವ ಎಂತದು, ಬೆಂಕಿ ಹಿಡಿದರೆ ಮೊದಲು ಯಾವ ಕೆಲಸ, ಎಲ್ಲ. ಯಜಮಾನರ ಕ್ಯಾಬಿನ್ನಿನಲ್ಲಿ ಟ್ರೆಮ್ ಕಾರ್ಡ್ ಎಂದು ಒಂದು ಹಾಳೆ ಇರುತ್ತದೆ. ಸರಕು ಸೋರಿದರೆ ಏನು ಮಾಡಬೇಕು, ಯಾರಿಗೆ ಫೋನು ಮಾಡಬೇಕು ಎಂದು ಅದರಲ್ಲಿ ಬರೆದಿದೆ. ಅದನ್ನು ಓದಲಿಕ್ಕೆ ಬರಬೇಕು. ಅದಕ್ಕೇ ನನ್ನ ನಿಯಮದಲ್ಲಿ ಇಂಗ್ಲಿಷ್ ಮತ್ತು ಸಂವಿಧಾನದ ಎಂಟನೇ ಪರಿಚ್ಛೇದದ ಒಂದಾದರೂ ಭಾಷೆ ಓದಿ ಬರೆಯಲಿಕ್ಕೆ ಗೊತ್ತಿರಬೇಕು ಎಂದು ಹಾಕಿದ್ದಾರೆ.

ಹಾಗಾದರೆ ತುಳು ಮಾತ್ರ ಬಲ್ಲವರು?

(ಮೌನ.) ಕೊಂಕಣಿಯವರಿಗೆ ತೊಂದರೆ ಇಲ್ಲ, 1992ರಲ್ಲೇ ಒಳಗೆ ಬಂದರು. ತುಳು ಇನ್ನೂ ಹೊರಗೆ ಜಗಲಿಯಲ್ಲಿ ಕೂತಿದೆ. ಆದರೆ ಮಂಗಳೂರಿನಲ್ಲಿ ಟ್ಯಾಂಕರ್ ಮಗುಚಿದರೆ ‘ಓಡಿ’ ಎಂದು ಕೂಗುವುದು ತುಳುವಿನಲ್ಲೇ. ಅದು ಮಾತ್ರ ಎಲ್ಲರಿಗೂ ಅರ್ಥವಾಗುತ್ತದೆ.

ಮೂರು ದಿನದಲ್ಲಿ ಇದೆಲ್ಲ ತಲೆಗೆ ಹೋಗುತ್ತದೆಯೇ? ಸತ್ಯ ಹೇಳಿ.

ಅರ್ಧ ಹೋಗುತ್ತದೆ. ಅರ್ಧ ಸಾಕು ಮಾರಾಯ್ರೆ, ನೀವು ನಗಬೇಡಿ. ಅಡುಗೆ ಅನಿಲ ಗಾಳಿಗಿಂತ ಭಾರ. ಸೋರಿದರೆ ಹೊಗೆಯ ಹಾಗೆ ಮೇಲೆ ಹೋಗುವುದಿಲ್ಲ. ನೆಲ ಹಿಡಿದು, ಚರಂಡಿ ಹಿಡಿದು, ತಗ್ಗು ಹುಡುಕಿಕೊಂಡು ಹೋಗುತ್ತದೆ. ತಗ್ಗಿನಲ್ಲಿ ಮನೆ ಇರುತ್ತದೆ, ಮನೆಯಲ್ಲಿ ಒಲೆ ಇರುತ್ತದೆ. ಕ್ಲಾಸಿನಲ್ಲಿ ತೂಕಡಿಸಿದವನಿಗೂ ಇಷ್ಟು ನೆನಪಿದ್ದರೆ ಅವನು ಇಂಜಿನ್ನು ಆಫ್ ಮಾಡುತ್ತಾನೆ, ಬೀಡಿ ಎಸೆಯುತ್ತಾನೆ, ನೋಡಲು ಬಂದವರನ್ನು ಗಾಳಿ ಬರುವ ದಿಕ್ಕಿಗೆ ಓಡಿಸುತ್ತಾನೆ. ಮಂಗಳೂರಿನಿಂದ ಹೊರಟ ಟ್ಯಾಂಕರು 2012ರ ಆಗಸ್ಟಿನಲ್ಲಿ ಕಣ್ಣೂರಿನ ಚಾಲ ಎಂಬಲ್ಲಿ ಮಗುಚಿತು. ಮರುವರ್ಷ ಏಪ್ರಿಲ್‌ನಲ್ಲಿ ಉಪ್ಪಿನಂಗಡಿಯ ಹತ್ತಿರ ಪೆರ್ನೆಯಲ್ಲಿ ಇನ್ನೊಂದು. ಎರಡೂ ಕಡೆ ಸತ್ತವರಲ್ಲಿ ಹೆಚ್ಚಿನವರು ರಸ್ತೆ ಬದಿಯ ಮನೆಯವರು. ಅವರ ಹತ್ತಿರ ಯಾವ ಎಂಟ್ರಿಯೂ ಇರಲಿಲ್ಲ, ಬೇಕಾಗಿಯೂ ಇರಲಿಲ್ಲ.

ಬೇರೆ ಪ್ರಶ್ನೆ ಕೇಳಿ.

ತರಬೇತಿಗೆ ಚಾಲಕರನ್ನು ಕಳುಹಿಸಲು ಮಾಲಕರು ಒಪ್ಪುತ್ತಾರೆಯೇ?

ಒಪ್ಪುತ್ತಾರೆ, ಗಾಡಿ ವರ್ಕ್‌ಶಾಪಿನಲ್ಲಿದ್ದರೆ. ಗಾಡಿ ಸರಿ ಇದ್ದಾಗ ಚಾಲಕ ಕ್ಲಾಸಿನಲ್ಲಿ ಕೂತರೆ ಬ್ಯಾಂಕಿನ ಕಂತು ಯಾರು ಕಟ್ಟುವುದು? ಟ್ರಿಪ್ಪಿನ ಲೆಕ್ಕದಲ್ಲಿ ಬಾಟಾ ಸಿಗುವ ಚಾಲಕನಿಗೂ ಕ್ಲಾಸೆಂದರೆ ಸಂಬಳವಿಲ್ಲದ ದಿನ. ಆಗ ಬರುತ್ತಾರೆ ನೋಡಿ ನಮ್ಮ ಉದ್ಧಾರಕರು. ಯಾವ ಊರಿಗೆ ಹೋದರೂ ಆರ್‌ಟಿಓ ಗೇಟಿನ ಎದುರು ಒಂದು ಝೆರಾಕ್ಸ್ ಅಂಗಡಿ. ಅಂಗಡಿಯ ಬೆಂಚಿನಲ್ಲಿ ಒಬ್ಬರು ಏಜೆಂಟ್ ಅಣ್ಣ. ‘ಕೂರುವುದೇ ಬೇಡ, ಫೋಟೋ ಕೊಡಿ, ಸರ್ಟಿಫಿಕೇಟು ಕೈಗೆ ಬರುತ್ತದೆ’ ಎನ್ನುತ್ತಾರೆ. ಹಾಗೆ ಹುಟ್ಟಿದ ನನ್ನ ಕೆಲವು ಅಣ್ಣತಮ್ಮಂದಿರು ಇದ್ದಾರೆ. ನೋಡಲಿಕ್ಕೆ ನನ್ನ ಹಾಗೆಯೇ. ಅದೇ ಅಕ್ಷರ, ಅದೇ ತಾರೀಕು. ನಮ್ಮಿಬ್ಬರ ವ್ಯತ್ಯಾಸ ಗೊತ್ತಾಗುವುದು ವಾಲ್ವು ಮುರಿದ ಮೇಲೆ ಮೊದಲ ಹತ್ತು ನಿಮಿಷದಲ್ಲಿ ಮಾತ್ರ.

ದಾರಿಯಲ್ಲಿ ತಪಾಸಣೆ ಮಾಡುವವರು ನಿಮ್ಮನ್ನು ಓದುತ್ತಾರೆಯೇ?

ಬ್ರೇಕ್ ಇನ್ಸ್‌ಪೆಕ್ಟರು ಓದುತ್ತಾರೆ, ಅವರಿಗೆ ಗೊತ್ತು. ಉಳಿದವರು ಕಾರ್ಡು ಹಿಂದೆ ಮುಂದೆ ತಿರುಗಿಸಿ, ಫೋಟೋ ನೋಡಿ, ಯಜಮಾನರ ಮುಖ ನೋಡಿ, ‘ಆಗ ಮೀಸೆ ಇತ್ತಲ್ಲ’ ಎಂದು ಕೊಡುತ್ತಾರೆ. ಟ್ಯಾಂಕರಿನ ಹಿಂದೆ ಕೆಂಪು ವಜ್ರಾಕೃತಿಯಲ್ಲಿ ಜ್ವಾಲೆಯ ಚಿತ್ರ, ಪಕ್ಕದಲ್ಲಿ 1075 ಎಂಬ ಸಂಖ್ಯೆ ಉಂಟಲ್ಲ? ಅದು ಅಡುಗೆ ಅನಿಲಕ್ಕೆ ಜಗತ್ತೇ ಒಪ್ಪಿದ ಗುರುತು. ಪೆಟ್ರೋಲಿಗೆ 1203, ಡೀಸೆಲ್ಲಿಗೆ 1202. ಬೆಂಕಿ ನಂದಿಸಲು ಬಂದವರಿಗೆ ಒಳಗೆ ಏನಿದೆ ಎಂದು ದೂರದಿಂದಲೇ ತಿಳಿಯಲಿ ಎಂದು ಬರೆದದ್ದು. ಒಮ್ಮೆ ಒಬ್ಬರು ಅದನ್ನು ಗಾಡಿಯ ಫ್ಲೀಟ್ ನಂಬರ್ ಎಂದುಕೊಂಡು, ‘ನಿಮ್ಮ ಸಾಹುಕಾರರಿಗೆ ಸಾವಿರಕ್ಕಿಂತ ಹೆಚ್ಚು ಗಾಡಿ ಉಂಟಾ?’ ಎಂದು ಬೆರಗಾದರು. ಯಜಮಾನರು ಹೌದು ಎಂದರು. ಆವತ್ತು ಅವರಿಗೆ ಸ್ವಲ್ಪ ಮರ್ಯಾದೆ ಸಿಕ್ಕಿತು.

ಹಾಗಾದರೆ ನಿಮ್ಮನ್ನು ಗಮನವಿಟ್ಟು ಓದುವವರು ಯಾರು?

ವಿಮಾ ಕಂಪನಿಯ ವಕೀಲರು! ಅವರ ಹಾಗೆ ಓದುವವರು ನಮ್ಮ ಸಾಹಿತ್ಯದಲ್ಲೂ ಇಲ್ಲ. ಅಪಘಾತ ಆದ ಮೇಲೆ ಭೂತಗನ್ನಡಿ ಹಿಡಿದು ಬರುತ್ತಾರೆ. ಟ್ರಾನ್ಸ್‌ಪೋರ್ಟ್ ಇದ್ದಿತೇ, ಹಜಾರ್ಡಸ್ ಇದ್ದಿತೇ, ಆ ತಾರೀಕಿಗೆ ಉಸಿರಾಡುತ್ತಿದ್ದಿತೇ? ಒಂದು ದಿನ ಹೆಚ್ಚುಕಮ್ಮಿ ಸಿಕ್ಕಿದರೂ ಅವರ ಮುಖದಲ್ಲಿ ಬೆಳದಿಂಗಳು. 2004ರಲ್ಲಿ ಸ್ವರಣ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ದಾರಿ ತೋರಿಸಿದ ಮೇಲೆ, ಲೈಸೆನ್ಸಿನ ದೋಷವಿದ್ದರೂ ನೊಂದವರಿಗೆ ಮೊದಲು ಪರಿಹಾರ ಕೊಡಿ, ಆಮೇಲೆ ಮಾಲಕನಿಂದ ವಸೂಲು ಮಾಡಿಕೊಳ್ಳಿ ಎಂದು ಎಷ್ಟೋ ತೀರ್ಪುಗಳು ಬಂದಿವೆ. ಅದು ತಿಳಿದ ದಿನದಿಂದ ನಮ್ಮ ಮಾಲಕರಿಗೆ ನನ್ನ ಮೇಲೆ ಪ್ರೀತಿ ಹುಟ್ಟಿದ್ದು. ಚಾಲಕನ ಮಗಳ ಹೆಸರು ಅವರಿಗೆ ಗೊತ್ತಿಲ್ಲ. ನನ್ನ ತಾರೀಕು ಮೊಬೈಲಿನ ರಿಮೈಂಡರಿನಲ್ಲಿ ಉಂಟು.

ದಂಡವೂ ಉಂಟು. ಅಪಾಯಕಾರಿ ಸರಕಿನ ನಿಯಮ ಮುರಿದು ಗಾಡಿ ಓಡಿಸಿದರೆ ಮೊದಲ ಸಲಕ್ಕೆ ಹತ್ತು ಸಾವಿರ ರೂಪಾಯಿ, ಮೂರು ತಿಂಗಳು ಲೈಸೆನ್ಸಿಗೆ ಅನರ್ಹತೆ, ಇಲ್ಲವೇ ಒಂದು ವರ್ಷದವರೆಗೆ ಜೈಲು, ಅಥವಾ ಎಲ್ಲವೂ. ಓಡಿಸಿದವನಿಗೆ ಮಾತ್ರವಲ್ಲ, ಓಡಿಸಲು ಬಿಟ್ಟವನಿಗೂ ಎಂದು 190ನೇ ಸೆಕ್ಷನ್ನು ಹೇಳುತ್ತದೆ. ‘ಬಿಟ್ಟವನು’ ಎಂಬ ಭಾಗವನ್ನು ಸಣ್ಣ ದನಿಯಲ್ಲಿ ಓದುವ ಪದ್ಧತಿ ಇದೆ.

ಇತ್ತೀಚೆಗೆ ನಿಮ್ಮಂಥವರೇ ಬೇಡ ಎಂದು ಕೋರ್ಟು ಹೇಳಿತಂತಲ್ಲ?

ಅದು ನಡುಮನೆಯವನ ಕತೆ, ನನ್ನದಲ್ಲ! ಏಳೂವರೆ ಸಾವಿರ ಕಿಲೋ ತೂಕದೊಳಗಿನ ಬಾಡಿಗೆ ಗಾಡಿಗೆ ಮಾಮೂಲಿ ಲಘು ವಾಹನದ ಲೈಸೆನ್ಸೇ ಸಾಕು, ಬೇರೆ ಟ್ರಾನ್ಸ್‌ಪೋರ್ಟ್ ಎಂಟ್ರಿ ಬೇಡ ಎಂದು 2017ರಲ್ಲಿ ಒಮ್ಮೆ, 2024ರ ನವೆಂಬರಿನಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಇನ್ನೊಮ್ಮೆ ಹೇಳಿತು. ಆ ದಿನ ಟ್ರಾನ್ಸ್‌ಪೋರ್ಟಿನವನು ಊಟ ಬಿಟ್ಟ. ಆದರೆ ಅದೇ ತೀರ್ಪಿನಲ್ಲಿ, ಅಪಾಯಕಾರಿ ಸರಕಿನ ಗಾಡಿಗಳಿಗೆ ವಿಶೇಷ ಅರ್ಹತೆ ಮುಂದೆಯೂ ಬೇಕೇ ಬೇಕು ಎಂದು ಬರೆದಿದ್ದಾರೆ. ನಾನು ಅದನ್ನು ಬಾಯಿಪಾಠ ಮಾಡಿದ್ದೇನೆ. ಇ-ರಿಕ್ಷಾಗಳ ಜೊತೆ ಒಂದೇ ಸಾಲಿನಲ್ಲಿ ನನ್ನ ಹೆಸರು ಹಾಕಿದ್ದು ಮಾತ್ರ ಸ್ವಲ್ಪ ಬೇಸರ.

ನೀವು ಊರ್ಜಿತವಾಗಿದ್ದರೆ ಎಲ್ಲ ಸರಿ ಇದೆ ಎಂದರ್ಥವೇ?

ಒಬ್ಬ ಮನುಷ್ಯ ಒಂದು ಕೋಣೆಯಲ್ಲಿ ಕೂತಿದ್ದ ಎಂದರ್ಥ. ಅಷ್ಟೇ. ಅವನು ನಿನ್ನೆ ಎಷ್ಟು ಹೊತ್ತು ಮಲಗಿದ ಎಂಬುದು ನನ್ನಲ್ಲಿ ಬರೆದಿಲ್ಲ. ಹಾಗೆಂದು ಕಾನೂನು ಇರಲಿಲ್ಲವೆಂದಲ್ಲ. ಮೋಟಾರು ಸಾರಿಗೆ ಕಾರ್ಮಿಕರ ಕಾಯ್ದೆ, 1961 ಎಂಬುದು 2025ರವರೆಗೆ ಇತ್ತು. ದಿನಕ್ಕೆ ಎಂಟು ಗಂಟೆ, ವಾರಕ್ಕೆ ನಲವತ್ತೆಂಟು. ಐದು ಗಂಟೆ ಎಳೆದ ಮೇಲೆ ಅರ್ಧ ಗಂಟೆ ವಿಶ್ರಾಂತಿ. ಎಷ್ಟು ಚೆಂದದ ಕಾಯ್ದೆ! ಆದರೆ ಅದಕ್ಕೆ ಕಾರ್ಡಿನಲ್ಲಿ ಒಂದು ಸಾಲು ಜಾಗ ಕೊಟ್ಟಿರಲಿಲ್ಲ. ನನಗೆ ನವೀಕರಣ ಉಂಟು, ನಿದ್ದೆಗೆ ಇಲ್ಲ. ನಾನು ಒಂದು ದಿನ ತಡವಾದರೆ ಗೇಟಿನಲ್ಲಿ ಲೋಡು ನಿಲ್ಲಿಸುತ್ತಾರೆ. ಯಜಮಾನರ ಕಣ್ಣು ಎರಡು ದಿನದಿಂದ ಕೆಂಪಗಿದ್ದರೆ ‘ಚಹಾ ಕುಡಿದು ಹೊರಡು’ ಎನ್ನುತ್ತಾರೆ.

ಈಗ ನಿಮ್ಮ ಅವಧಿ ಎಷ್ಟು ಉಳಿದಿದೆ?

ಮುಂದಿನ ತಿಂಗಳವರೆಗೆ. ಅರ್ಜಿ ಹಾಕಿಲ್ಲ. ಮಾಲಕರು ‘ಈ ಟ್ರಿಪ್ ಮುಗಿಸಿ ಬಾ, ನೋಡುವ’ ಎಂದಿದ್ದಾರೆ. ಹೋದ ಟ್ರಿಪ್ಪಿಗೂ ಅದನ್ನೇ ಎಂದಿದ್ದರು. ಯಜಮಾನರ ಹೆಂಡತಿ ಕ್ಯಾಲೆಂಡರಿನಲ್ಲಿ ಗ್ಯಾಸ್ ಬುಕ್ ಮಾಡಿದ ತಾರೀಕಿನ ಕೆಳಗೆ ನನ್ನ ತಾರೀಕನ್ನೂ ಕೆಂಪು ಪೆನ್ನಿನಲ್ಲಿ ಬರೆದಿಟ್ಟಿದ್ದಾರೆ. ಈ ಇಡೀ ವ್ಯವಸ್ಥೆಯಲ್ಲಿ ನನ್ನ ಬಗ್ಗೆ ನಿಜವಾಗಿ ತಲೆಕೆಡಿಸಿಕೊಂಡವರು ಅವರೊಬ್ಬರೇ. ವಿಮೆಗಾಗಿ ಅಲ್ಲ.

ಕೊನೆಯ ಪ್ರಶ್ನೆ. ಈಗ ಯಜಮಾನರು ಇಲ್ಲಿ ಮಲಗಿದ್ದಾರೆ. ಘಟ್ಟದ ಮೇಲೆ ಹಾಸನ ದಾಟುವಾಗ ರಾತ್ರಿ ಅವರಿಗೆ ನಿದ್ದೆ ಬಂದರೆ ಸ್ಟೇರಿಂಗ್ ಹಿಡಿಯುವುದು ಯಾರು? ಜೊತೆಗಿರುವ ಕ್ಲೀನರ್ ಹುಡುಗನೇ?

ನೋಡಿ, ನಾನು ಕಿಸೆಯೊಳಗೆ ಇರುವವನು. ಕಿಸೆಯಿಂದ ಸ್ಟೇರಿಂಗ್ ಕಾಣುವುದಿಲ್ಲ.