ಕೌಬಾಯ್ ಪ್ರಣಯ ಮೀಮಾಂಸೆ: ರೂಪನಗುಡಿ ಹೋಬಳಿಯ ದೃಷ್ಟಿಯಿಂದ

ಪೀಠಿಕೆ

ದನ ಕಾಯುವವನ ಕಥೆ ಓದಿ ಅಮೆರಿಕದ ಹೆಣ್ಣುಮಕ್ಕಳು ನಿದ್ದೆಗೆಡುತ್ತಾರೆ. ನಮ್ಮ ಬಳ್ಳಾರಿ ತಾಲ್ಲೂಕಿನ ರೂಪನಗುಡಿಯಲ್ಲಿ ದನ ಕಾಯುವವನಿಗೆ ಹೆಣ್ಣು ಕೊಡುವವರಿಲ್ಲ. ಕಸುಬು ಒಂದೇ, ಫಲ ಎರಡು. ಈ ವೈಪರೀತ್ಯದ ಕಾರಣವನ್ನು ಶೋಧಿಸುವುದೇ ಪ್ರಕೃತ ಪ್ರಬಂಧದ ಪ್ರಯೋಜನ. ಇದಕ್ಕೆ ಯಾವ ವಿಶ್ವವಿದ್ಯಾಲಯದ ಅನುದಾನವೂ ಸಿಕ್ಕಿಲ್ಲವಾದ್ದರಿಂದ ತೀರ್ಮಾನಗಳನ್ನು ಧಾರಾಳವಾಗಿ ನಂಬಬಹುದು.

ಇತಿಹಾಸ

1902ರಲ್ಲಿ ಓವೆನ್ ವಿಸ್ಟರ್ ‘ದಿ ವರ್ಜೀನಿಯನ್’ ಬರೆದು, ವಯೋಮಿಂಗಿನ ಕೌಬಾಯ್‌ಗೆ ವರ್ಮಾಂಟಿನಿಂದ ಬಂದ ಟೀಚರಮ್ಮನನ್ನು ಗಂಟುಹಾಕಿದ. ಪಟ್ಟಣದ ಹುಡುಗಿ, ಮಾತು ಕಡಿಮೆಯಾದ ಗಂಡು, ನಡುವೆ ಒಂದು ಕುದುರೆ: ಸೂತ್ರ ಅಂದಿನಿಂದ ಹೆಚ್ಚೇನೂ ಕದಲಿಲ್ಲ. 2022ರ ಎಲ್ಸಿ ಸಿಲ್ವರ್ ಕಾದಂಬರಿ ‘ಫ್ಲಾಲೆಸ್’ನಲ್ಲಿ ನಾಯಕ ಗೂಳಿ ಸವಾರ, ಅವನ ಮೇಲೆ ಕಣ್ಣಿಡಲು ಬಂದ ಏಜೆಂಟನ ಮಗಳೇ ನಾಯಕಿ. ಕಣ್ಣಿಡಲು ಬಂದವಳು ಮುಂದೆ ಏನು ಮಾಡಿದಳೆಂದು ಬಿಡಿಸಿ ಹೇಳಬೇಕಿಲ್ಲ. 2018ರಲ್ಲಿ ಶುರುವಾದ ‘ಯೆಲ್ಲೋಸ್ಟೋನ್’ ಧಾರಾವಾಹಿ ಈ ಬೆಂಕಿಗೆ ತುಪ್ಪ ಸುರಿಯಿತು.

ನಾವೂ ಹಿಂದೆ ಬಿದ್ದವರಲ್ಲ. ತೆಲುಗಿನ ಕೃಷ್ಣ 1971ರಲ್ಲೇ ‘ಮೋಸಗಾಳ್ಳಕು ಮೋಸಗಾಡು’ ಚಿತ್ರದಲ್ಲಿ ಕುದುರೆ ಏರಿದರು. 1973ರಲ್ಲಿ ನಮ್ಮ ದ್ವಾರಕೀಶ್ ‘ಕೌಬಾಯ್ ಕುಳ್ಳ’ರಾದರು.

ಪೂರ್ವಪಕ್ಷ ಮತ್ತು ಖಂಡನೆ

ಆಕರ್ಷಣೆಗೆ ಉಡುಪೇ ಕಾರಣ ಎಂಬುದು ಮೊದಲನೆಯ ವಾದ. ಲಿವೈ ಸ್ಟ್ರಾಸ್ ಮತ್ತು ದರ್ಜಿ ಜೇಕಬ್ ಡೇವಿಸ್ 1873ರ ಮೇ 20ರಂದು ರಿವೆಟ್ ಹೊಡೆದ ಪ್ಯಾಂಟಿಗೆ ಪೇಟೆಂಟ್ ಪಡೆದದ್ದು ನಿಜ. ಆದರೆ ಬಳ್ಳಾರಿಯೂ ಜೀನ್ಸ್ ಹೊಲಿದೇ ಹೆಸರು ಮಾಡಿದ ಊರು. ಪ್ಯಾಂಟಿನಿಂದಲೇ ಪ್ರೇಮ ಹುಟ್ಟುವುದಾಗಿದ್ದರೆ ಬಳ್ಳಾರಿಯಲ್ಲಿ ಕಲ್ಯಾಣಮಂಟಪ ಸಾಲುತ್ತಿರಲಿಲ್ಲ. ಆದ್ದರಿಂದ ಈ ವಾದ ಬಿದ್ದುಹೋಯಿತು.

ಬಯಲು, ಬಿಸಿಲು, ಧೂಳು ಕಾರಣ ಎಂಬುದು ಎರಡನೆಯದು. ಈ ಮೂರನ್ನೂ ನಮ್ಮ ಹೋಬಳಿ ಟೆಕ್ಸಾಸಿಗೆ ಕಡ ಕೊಟ್ಟು ಇನ್ನೂ ಉಳಿಸಿಕೊಳ್ಳಬಲ್ಲದು. ಇದೂ ಬಿತ್ತು.

ನಾಯಕನ ಗಂಭೀರ ಮೌನ ಕಾರಣ ಎಂಬುದು ಮೂರನೆಯದು. ಬಳ್ಳಾರಿ ತಳಿಯ ಕುರಿಗಳ ಹಿಂದೆ ಹೆಗಲಿಗೆ ಕಂಬಳಿ ಹಾಕಿ ನಡೆಯುವ ನಮ್ಮ ಕುರಿಗಾಹಿ ಇಡೀ ದಿನ ಕುರಿಗಳ ಹೊರತು ಯಾರ ಹತ್ತಿರವೂ ಮಾತಾಡುವುದಿಲ್ಲ. ಅದೇ ಮೌನವನ್ನು ಹೆಣ್ಣಿನ ಕಡೆಯವರು ‘ಹುಡುಗ ಸ್ವಲ್ಪ ಮಂಕು’ ಎಂದು ದಾಖಲಿಸುತ್ತಾರೆ. ಸಮಸ್ಯೆ ನಮ್ಮ ಹೋಬಳಿಯದಷ್ಟೇ ಅಲ್ಲ: 2023ರ ಫೆಬ್ರವರಿಯಲ್ಲಿ ಮಂಡ್ಯ ಕಡೆಯ ಯುವಕರು ಹೆಣ್ಣು ಸಿಗಲೆಂದು ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆಯನ್ನೇ ಹೊರಟರು.

ಸಿದ್ಧಾಂತ

ಹಾಗಾದರೆ ಕಾರಣವೇನು? ಕಾರಣ ಕೊಟ್ಟಿಗೆಯಲ್ಲಿದೆ.

ನಮ್ಮಲ್ಲಿ ಕೋಳಿ ಕೂಗುವ ಹೊತ್ತಿಗೆ ಎದ್ದು ಸಗಣಿ ಬಳಿಯುವವಳು, ಗಂಜಲ ಹರಿದ ಕಲ್ಲು ತೊಳೆಯುವವಳು, ಬುಟ್ಟಿ ಹೊತ್ತು ತಿಪ್ಪೆಗೆ ಸುರಿಯುವವಳು, ಉಳಿದದ್ದನ್ನು ಗೋಡೆಗೆ ಕುಳ್ಳು ತಟ್ಟುವವಳು ಮನೆಯ ಸೊಸೆ. ಆಗ ಯಜಮಾನರು ಕಟ್ಟೆಯ ಮೇಲೆ ಕೂತು, ಬಾಯಲ್ಲಿ ಬೇವಿನ ಕಡ್ಡಿ ಇಟ್ಟುಕೊಂಡು, “ಆ ಮೂಲ್ಯಾಗ ಉಳದೈತಿ ನೋಡು” ಎಂದು ಮಾರ್ಗದರ್ಶನ ಮಾಡುತ್ತಿರುತ್ತಾರೆ. ಕಾದಂಬರಿಯಲ್ಲಾದರೋ ನಾಯಕ ತಾನೇ ನಸುಕಿನಲ್ಲಿ ಎದ್ದು ಲಾಯ ಸ್ವಚ್ಛ ಮಾಡುತ್ತಾನೆ. ನಾಯಕಿ ಕಾಫಿ ಕಪ್ಪು ಹಿಡಿದು ಬೇಲಿಗೆ ಒರಗಿ ಅವನ ತೋಳು ನೋಡುತ್ತಾಳೆ. ಪ್ರಣಯ ಹುಟ್ಟುವುದು ಈ ಬೇಲಿಯ ಹತ್ತಿರ.

ಈ ಸಿದ್ಧಾಂತವನ್ನು ಊರಿನ ಹಿರಿಯಮ್ಮ ಒಬ್ಬರ ಮುಂದೆ ಮಂಡಿಸಲಾಯಿತು. “ಅವಾ ತಾನ ಸಗಣಿ ಬಳೀತಾನೇನಪಾ? ಹಂಗಾದ್ರ ಕಣ್ಮುಚ್ಚಿ ಹೆಣ್ಣು ಕೊಡಬೌದು ಬಿಡು” ಎಂದು ಅವರು ಏಕಸದಸ್ಯ ಪೀಠದ ತೀರ್ಪು ನೀಡಿದರು.

ಉಪಸಿದ್ಧಾಂತ ಎರಡು. ಒಂದು: ಇಂಥ ಕಾದಂಬರಿಗಳಲ್ಲಿ ನಾಯಕನ ತಾಯಿ ಹೆಚ್ಚಾಗಿ ಮೊದಲ ಪುಟಕ್ಕೆ ಮುಂಚೆಯೇ ತೀರಿಕೊಂಡಿರುತ್ತಾಳೆ, ಆದ್ದರಿಂದ ಅತ್ತೆಯ ಪ್ರಶ್ನೆ ಉದ್ಭವಿಸದು. ಎರಡು: ಸಾವಿರಾರು ಎಕರೆ ಇದ್ದರೂ ಯಾರೂ ನಾಯಕಿಯನ್ನು ಪಹಣಿ ತರಲು ನಾಡಕಚೇರಿಗೆ ಅಟ್ಟುವುದಿಲ್ಲ.

ಫಲಶ್ರುತಿ

ಇದನ್ನು ಭಕ್ತಿಯಿಂದ ಓದಿದ ಅವಿವಾಹಿತರಿಗೆ ವಧು ಪ್ರಾಪ್ತಿಯಾಗುವುದು, ಆದರೆ ಬರೀ ಓದಿದರೆ ಸಾಲದು. ಹ್ಯಾಟಿಗೆ, ಕುದುರೆಗೆ ಸಾಲ ಮಾಡಬೇಡಿ. ಜೀನ್ಸ್ ಬಳ್ಳಾರಿಯಲ್ಲೇ ಅಗ್ಗಕ್ಕೆ ಸಿಗುತ್ತದೆ. ನಾಳೆ ಬೆಳಿಗ್ಗೆ ಅವ್ವನ ಕೈಯಿಂದ ಸಗಣಿ ಬುಟ್ಟಿ ಇಸಿದುಕೊಳ್ಳಿ. ಮದುವೆಯಾದ ಮೇಲೂ ಅದನ್ನು ಕೆಳಗಿಡಬೇಡಿ.